ಜಾರ್ಜ್ ಗ್ರ್ಯಾಂಟ್ ಅತ್ತಿದ್ದು ಯಾವುದಕ್ಕೆ?

2025 ಮಾರ್ಚ್ 16, ಭಾನುವಾರ
ಹ್ಯಾಮಿಲ್ಟನ್, ಒಂಟಾರಿಯೊ

ಬುಧವಾರದಿಂದ ಉಕ್ಕಿನ ಮೇಲೆ ಅಮೆರಿಕ ಶೇ 25ರಷ್ಟು ಸುಂಕ ಹೇರಿದೆ. ಉಕ್ಕಿನ ಕುಲುಮೆಗಳನ್ನು ನಂಬಿ ಬೆಳೆದ ಈ ಊರಿನಲ್ಲಿ ಈಗ ಬೇರೆ ಮಾತೇ ಇಲ್ಲ. ಪ್ರಾಂತ್ಯದ ಸರ್ಕಾರಿ ಮದ್ಯದಂಗಡಿಗಳು ಅಮೆರಿಕದ ಬಾಟಲಿಗಳನ್ನು ಕಪಾಟಿನಿಂದ ಇಳಿಸಿ ಎರಡು ವಾರವಾಗುತ್ತ ಬಂತು. ದಿನಸಿ ಅಂಗಡಿಯಲ್ಲಿ ಮಸೂರ ಬೇಳೆಯ ಚೀಲದ ಮುಂದೆಯೂ ಮೇಪಲ್ ಎಲೆಯ ಚೀಟಿ ಅಂಟಿಸಿದ್ದಾರೆ. ಬೇಳೆ ಕೆನಡಾದ್ದೇ, ಸಸ್ಕಾಚುವಾನ್ ಪ್ರಾಂತ್ಯದ್ದು, ಹಾಗಾಗಿ ನಮ್ಮ ಮನೆಯ ಸಾರಿಗೂ ಈಗ ದೇಶಭಕ್ತಿಯ ಒಗ್ಗರಣೆ. ಮೊನ್ನೆ ಶುಕ್ರವಾರ ಮಾರ್ಕ್ ಕಾರ್ನಿ ಪ್ರಧಾನಿಯಾಗಿ ಪ್ರಮಾಣವಚನ ಸ್ವೀಕರಿಸಿದರು. ಕೆನಡಾವನ್ನು ಐವತ್ತೊಂದನೆಯ ರಾಜ್ಯವಾಗಿಸುವ ಟ್ರಂಪ್ ಮಾತಿಗೆ ಉತ್ತರ ಕೊಡಲು ಹೊರಟ ಅಂಕಣಕಾರರೆಲ್ಲ ಒಬ್ಬ ಮುದುಕನನ್ನು ಸಮಾಧಿಯಿಂದ ಎಬ್ಬಿಸಿ ತಂದಿದ್ದಾರೆ. ಅವರು ಕೆನಡಾದ ತತ್ತ್ವಚಿಂತಕ ಜಾರ್ಜ್ ಗ್ರ್ಯಾಂಟ್. 1965ರ ಅವರ ಸಣ್ಣ ಪುಸ್ತಕ ‘ಲ್ಯಾಮೆಂಟ್ ಫಾರ್ ಎ ನೇಷನ್’ (ದೇಶವೊಂದಕ್ಕಾಗಿ ಶೋಕ) ಇಂದು ಬಾವುಟದ ಬಟ್ಟೆಯಂತೆ ಬಳಕೆಯಾಗುತ್ತಿದೆ. ಶನಿವಾರ, ಭಾನುವಾರ ಎರಡೂ ದಿನ ಕೂತು ಅದನ್ನು ಮತ್ತೆ ಓದಿದೆ. ಉಲ್ಲೇಖಿಸುತ್ತಿರುವವರಲ್ಲಿ ಅರ್ಧಕ್ಕರ್ಧ ಮಂದಿ ಅದರ ಮೊದಲ ಅರ್ಧದಾಚೆ ಹೋಗಿಲ್ಲ ಎಂಬುದು ನನ್ನ ಗುಮಾನಿ.

ಮೊದಲರ್ಧ ನಿಜಕ್ಕೂ ರೋಚಕವಾಗಿದೆ. 1959ರಲ್ಲಿ ಪ್ರಧಾನಿ ಜಾನ್ ಡೀಫೆನ್‌ಬೇಕರ್ ಕೆನಡಾದ್ದೇ ಆದ ಆವ್ರೊ ಆ್ಯರೊ ಯುದ್ಧವಿಮಾನದ ಯೋಜನೆಗೆ ಎಳ್ಳುನೀರು ಬಿಟ್ಟರು. ಅವರ ಸರ್ಕಾರ ಅದಕ್ಕೂ ಮೊದಲೇ ಅಮೆರಿಕದ ಬೊಮಾರ್ಕ್ ಕ್ಷಿಪಣಿಗಳನ್ನು ಒಪ್ಪಿಕೊಂಡಿತ್ತು. ಒಂಟಾರಿಯೊದ ನಾರ್ತ್ ಬೇ, ಕ್ವಿಬೆಕ್‌ನ ಲಾ ಮಕಾಝಾ, ಈ ಎರಡು ಕಡೆ ಅವು ಬಂದು ನಿಂತವು. ಅಣ್ವಸ್ತ್ರದ ಸಿಡಿತಲೆ ಇಲ್ಲದಿದ್ದರೆ ಅವು ಕೆಲಸಕ್ಕೆ ಬಾರದ ಕೊಳವೆಗಳು. ಸಿಡಿತಲೆ ಬೇಕೋ ಬೇಡವೋ ಎಂದು ಡೀಫೆನ್‌ಬೇಕರ್ ಮೀನಮೇಷ ಎಣಿಸುತ್ತ ಕೂತರು. 1963ರ ಜನವರಿಯಲ್ಲಿ ವಿರೋಧ ಪಕ್ಷದ ನಾಯಕ ಲೆಸ್ಟರ್ ಪಿಯರ್ಸನ್, 1957ರ ನೊಬೆಲ್ ಶಾಂತಿ ಪ್ರಶಸ್ತಿ ಪಡೆದಿದ್ದ ಅದೇ ಪಿಯರ್ಸನ್, ಇದ್ದಕ್ಕಿದ್ದಂತೆ ಮಗ್ಗುಲು ಬದಲಿಸಿ ಸಿಡಿತಲೆ ಬೇಕು ಎಂದರು. ತಿಂಗಳ ಕೊನೆಗೆ ಅಮೆರಿಕದ ವಿದೇಶಾಂಗ ಇಲಾಖೆ ಪತ್ರಿಕಾ ಹೇಳಿಕೆ ಹೊರಡಿಸಿ, ಮಿತ್ರರಾಷ್ಟ್ರದ ಪ್ರಧಾನಿ ಹೇಳಿದ್ದು ಸರಿಯಲ್ಲ ಎಂದು ಬಹಿರಂಗವಾಗಿಯೇ ಸಾರಿತು. ರಕ್ಷಣಾ ಸಚಿವರು ರಾಜೀನಾಮೆ ಬಿಸಾಡಿದರು. ಫೆಬ್ರವರಿ 5ರಂದು ಸರ್ಕಾರ ಬಿತ್ತು, ಏಪ್ರಿಲ್ ಚುನಾವಣೆಯಲ್ಲಿ ಪಿಯರ್ಸನ್ ಗೆದ್ದರು, ವರ್ಷ ಮುಗಿಯುವ ರಾತ್ರಿ ನಾರ್ತ್ ಬೇಗೆ ಸಿಡಿತಲೆಗಳು ಬಂದಿಳಿದವು.

ಗ್ರ್ಯಾಂಟ್ ಕೆರಳಿದ್ದು ಇಲ್ಲಿ. ಡೀಫೆನ್‌ಬೇಕರ್ ಅವರಿಗೆ ದೇವರೇನೂ ಅಲ್ಲ. ಆ ಮನುಷ್ಯನ ಗೊಂದಲ, ಬಡಾಯಿ, ಕ್ವಿಬೆಕ್ ಬಗೆಗಿನ ಅಜ್ಞಾನ ಎಲ್ಲವನ್ನೂ ಅವರು ನಿರ್ದಾಕ್ಷಿಣ್ಯವಾಗಿ ಬಿಚ್ಚಿಡುತ್ತಾರೆ. ಎಡಪಕ್ಷವಾದ ಎನ್‌ಡಿಪಿಯ ಮೇಲೆ ಭರವಸೆ ಇಟ್ಟಿದ್ದವರು, ಅವಿಶ್ವಾಸ ಮತದಲ್ಲಿ ಅದು ಪಿಯರ್ಸನ್ ಅವರ ಲಿಬರಲ್ಲರ ಜೊತೆ ಕೈ ಎತ್ತಿದ್ದನ್ನು ಕಂಡು ಅದರ ಸಹವಾಸವನ್ನೇ ಬಿಟ್ಟರು. ಅಂದು ಪಿಯರ್ಸನ್ ಅವರನ್ನು ಹೀನಾಮಾನ ಬೈದು ಬರೆದ ಇನ್ನೊಬ್ಬಾತ ಪಿಯರ್ ಟ್ರೂಡೊ. ಎರಡೇ ವರ್ಷದಲ್ಲಿ ಆತ ಪಿಯರ್ಸನ್ ಪಕ್ಷವನ್ನೇ ಸೇರಿ, 1968ರಲ್ಲಿ ಪ್ರಧಾನಿಯಾದದ್ದು ಬೇರೆ ಕಥೆ. ರಾಜಕಾರಣದಲ್ಲಿ ಕೋಪಕ್ಕಿರುವ ಆಯಸ್ಸು ಅಷ್ಟೇ.

ಇಷ್ಟೇ ಆಗಿದ್ದರೆ ಅದು ಅಮೆರಿಕ ವಿರೋಧದ ಒಂದು ಕರಪತ್ರವಾಗುತ್ತಿತ್ತು. ಎರಡನೆಯ ಅರ್ಧದಲ್ಲಿ ಗ್ರ್ಯಾಂಟ್ ಬೆರಳನ್ನು ತಮ್ಮವರ ಕಡೆಗೇ ತಿರುಗಿಸುತ್ತಾರೆ. ಕೆನಡಾ ಹುಟ್ಟಿದ್ದೇ ವ್ಯಕ್ತಿಸ್ವಾತಂತ್ರ್ಯಕ್ಕಿಂತ ಸಮುದಾಯದ ಒಳಿತು, ಕಟ್ಟುಪಾಡು, ಹಿಂದಿನವರ ನೆನಪು ಮುಖ್ಯ ಎಂಬ ನಂಬಿಕೆಯಿಂದ ಎನ್ನುವುದು ಅವರ ವಾದ. ಆದರೆ ಆಧುನಿಕತೆಯ ಧರ್ಮವೇ ಪ್ರಗತಿ. ಪ್ರಕೃತಿಯನ್ನು ಬಗ್ಗಿಸುವುದು, ಮನುಷ್ಯನ ಬಯಕೆಗೆ ಅಡ್ಡ ಬಂದದ್ದನ್ನೆಲ್ಲ ಸರಿಸುವುದು, ಅದಕ್ಕೆ ಬೇಕಾದ ತಂತ್ರಜ್ಞಾನವನ್ನು ಎಲ್ಲೆಡೆ ಒಂದೇ ಸಮನೆ ಹರಡುವುದು. ಈ ಧರ್ಮವನ್ನು ಒಪ್ಪಿಕೊಂಡ ಮೇಲೆ ಊರಿಗೊಂದು ರೀತಿ, ನಾಡಿಗೊಂದು ನಡಾವಳಿ ಉಳಿಯುವುದಾದರೂ ಹೇಗೆ? ತತ್ತ್ವಜ್ಞಾನಿಗಳಾದ ಅಲೆಕ್ಸಾಂಡರ್ ಕೊಜೆವ್, ಲಿಯೊ ಸ್ಟ್ರೌಸ್ ನಡುವಿನ ಚರ್ಚೆಯಿಂದ ಅವರು ಎತ್ತಿಕೊಂಡ ಕಲ್ಪನೆ ಇದು: ಇಡೀ ಜಗತ್ತು ಒಂದೇ ಅಚ್ಚಿನ ಒಂದೇ ಪ್ರಭುತ್ವವಾಗುವ ಕಡೆಗೆ ಚರಿತ್ರೆ ಸಾಗುತ್ತಿದೆ. ಅಮೆರಿಕ ಆ ಗಾಡಿಯ ಎಂಜಿನ್, ಕೆನಡಾ ಸಂತೋಷದಿಂದ ಜೋಡಿಸಿಕೊಂಡ ಬೋಗಿ. ಟೊರೊಂಟೊದ ಉದ್ಯಮಿಗಳು ತಮ್ಮ ಕಾರ್ಖಾನೆಗಳನ್ನು ಅಮೆರಿಕದ ಕಂಪನಿಗಳ ಶಾಖೆಗಳಾಗಿಸಲು ಒಪ್ಪಿದ್ದು ಬಂದೂಕಿಗೆ ಹೆದರಿ ಅಲ್ಲ, ಲಾಭಕ್ಕೆ ಒಲಿದು. ಸಣ್ಣ ದೇಶವೊಂದು ತನ್ನ ಬಂಡವಾಳಗಾರರ ನಿಷ್ಠೆಯನ್ನು ನಂಬಿ ಬದುಕಲಾರದು ಎಂದು ಸಂಪ್ರದಾಯವಾದಿಯೊಬ್ಬ ಬರೆದದ್ದನ್ನು ಓದಿದಾಗ, ‘ಕೆಂಪು ಟೋರಿ’, ಅಂದರೆ ಎಡಕ್ಕೆ ವಾಲಿದ ಸಂಪ್ರದಾಯವಾದಿ, ಎಂಬ ಬಿರುದು ಅವರಿಗೆ ಏಕೆ ಅಂಟಿಕೊಂಡಿತು ಎಂದು ಗೊತ್ತಾಗುತ್ತದೆ.

ಹಾಗಾದರೆ ಅವರು ಅತ್ತಿದ್ದು ಗಡಿರೇಖೆಗಲ್ಲ. ಪಾರ್ಲಿಮೆಂಟು, ಬಾವುಟ, ಪಾಸ್‌ಪೋರ್ಟು ಎಲ್ಲ ಇದ್ದೂ ದೇಶ ಸತ್ತಿರಬಹುದು ಎಂಬುದು ಆ ಪುಸ್ತಕದ ತಿರುಳು. ಮೇಪಲ್ ಎಲೆಯ ಧ್ವಜ ಮೊದಲ ಬಾರಿ ಹಾರಿದ್ದೂ ಅದೇ 1965ರ ಫೆಬ್ರವರಿಯಲ್ಲಿ. ತಮಾಷೆ ಎಂದರೆ, ಸತ್ತಿದೆ ಎಂದು ಬರೆದ ಪುಸ್ತಕವನ್ನು ಓದಿ ಅಂದಿನ ಹುಡುಗ ಹುಡುಗಿಯರು ದೇಶಾಭಿಮಾನದಿಂದ ಎದ್ದು ಕೂತರು. ಶ್ರಾದ್ಧದ ಮಂತ್ರವನ್ನು ನಾಮಕರಣಕ್ಕೆ ಹೇಳಿದ ಹಾಗೆ. ಈಗ ಅದೇ ಮತ್ತೆ ನಡೆಯುತ್ತಿದೆ. ಅಮೆರಿಕದ ಟೊಮೆಟೊ ಸಾಸ್ ಬಿಟ್ಟು ಕೆನಡಾದ ಟೊಮೆಟೊ ಸಾಸ್ ಕೊಂಡರೆ ಗ್ರ್ಯಾಂಟ್ ಬೆನ್ನು ತಟ್ಟುತ್ತಾರೆ ಎಂದು ನಂಬುವವರಿಗೆ ನಾನೇನು ಹೇಳಲಿ?

ಈ ವಿಷಾದ ಅವರಿಗೆ ಪುಸ್ತಕದಿಂದ ಬಂದದ್ದಲ್ಲ. 1939ರಲ್ಲಿ ರೋಡ್ಸ್ ವಿದ್ಯಾರ್ಥಿವೇತನದ ಮೇಲೆ ಆಕ್ಸ್‌ಫರ್ಡಿಗೆ ಹೋದ ಹುಡುಗ, ಶಾಂತಿವಾದಿ. ಬಂದೂಕು ಹಿಡಿಯದೆ ಲಂಡನ್ನಿನ ಬರ್ಮಂಡ್ಸಿ ಎಂಬ ಬಡ ಬಡಾವಣೆಯಲ್ಲಿ ವಾಯುದಾಳಿ ಕಾವಲುಗಾರನಾಗಿ ದುಡಿದರು. ದಿನವೂ ಮಾತಾಡಿಸುತ್ತಿದ್ದವರು ಬಾಂಬಿಗೆ ಬಲಿಯಾದದ್ದನ್ನು ಕಂಡರು. ಕ್ಷಯ ಅಂಟಿತು. 1941ರ ಕೊನೆಗೆ ಹಳ್ಳಿಯ ಜಮೀನೊಂದರಲ್ಲಿ ಕೆಲಸಕ್ಕಿದ್ದಾಗ, ಒಂದು ಮುಂಜಾನೆ ಸೈಕಲ್ಲಿನಿಂದಿಳಿದು ಗೇಟು ತೆರೆದು ಆಚೆ ನಡೆದರು. ಆ ಕ್ಷಣದಲ್ಲಿ ದೇವರಿದ್ದಾನೆ ಎಂಬುದು ತನಗೆ ಖಚಿತವಾಯಿತು ಎಂದು ಜೀವನಪೂರ್ತಿ ಹೇಳುತ್ತಿದ್ದರು. ನಾನು ಆಸ್ತಿಕನೆಂದು ಎದೆ ತಟ್ಟಿ ಹೇಳುವವನಲ್ಲ. ಆದರೂ ಅವರ ಮುಂದಿನ ವಾದವೆಲ್ಲ ಆ ಗೇಟಿನ ಮೇಲೆ ನಿಂತಿದೆ ಎಂಬುದನ್ನು ಒಪ್ಪಲೇಬೇಕು. ಒಳಿತು ನಾವು ಕಟ್ಟಿಕೊಳ್ಳುವಂಥದಲ್ಲ, ನಮಗಿಂತ ಮೊದಲೇ ಇರುವಂಥದು. 1960ರಲ್ಲಿ, ಆರು ಮಕ್ಕಳ ತಂದೆ, ಹೊಸದಾಗಿ ತೆರೆದ ಯಾರ್ಕ್ ವಿಶ್ವವಿದ್ಯಾಲಯದ ಕೆಲಸವನ್ನು ಒಂದು ಪಠ್ಯಪುಸ್ತಕದ ಕಾರಣಕ್ಕೆ ಬಿಟ್ಟರು. ತತ್ತ್ವಶಾಸ್ತ್ರವನ್ನೂ ಧರ್ಮವನ್ನೂ ಅದು ತಪ್ಪಾಗಿ ಕಲಿಸುತ್ತದೆ ಎಂಬುದು ಅವರ ತಕರಾರು. ಮರುವರ್ಷ ಈ ಊರಿನ ಮೆಕ್‌ಮಾಸ್ಟರ್ ವಿಶ್ವವಿದ್ಯಾಲಯದ ಧರ್ಮಾಧ್ಯಯನ ವಿಭಾಗ ಅವರನ್ನು ಕರೆಯಿತು. ವೇದಾಂತ, ಬೌದ್ಧ ಚಿಂತನೆಗಳನ್ನು ಕ್ರೈಸ್ತ ಚಿಂತನೆಯ ಪಕ್ಕದಲ್ಲೇ ಕೂರಿಸಿ ಕಲಿಸಿದ ವಿಭಾಗ ಅದು.

ನನ್ನನ್ನು ಹೆಚ್ಚು ಕಾಡುವುದು ಮಾತ್ರ ‘ಲ್ಯಾಮೆಂಟ್’ ಅಲ್ಲ, ಎಪ್ಪತ್ತರ ದಶಕದಲ್ಲಿ ಅವರು ಕಂಪ್ಯೂಟರ್ ಬಗ್ಗೆ ಬರೆದ ಪ್ರಬಂಧ. ಕಂಪ್ಯೂಟರನ್ನು ಹೀಗೇ ಬಳಸಬೇಕೆಂದು ಅದು ನಮ್ಮ ಮೇಲೆ ಹೇರುವುದಿಲ್ಲ ಎಂದು ಆ ಕ್ಷೇತ್ರದ ಒಬ್ಬರು ಹೇಳಿದ್ದನ್ನು ಹಿಡಿದುಕೊಂಡು ಗ್ರ್ಯಾಂಟ್ ಎಳೆ ಎಳೆಯಾಗಿ ಬಿಡಿಸುತ್ತಾರೆ. ಮಾಹಿತಿಯನ್ನು ವರ್ಗೀಕರಿಸಲೆಂದೇ ಹುಟ್ಟಿದ ಯಂತ್ರ ಅದು. ವರ್ಗೀಕರಿಸಬೇಕಾದರೆ ವ್ಯತ್ಯಾಸಗಳನ್ನು ಬಿಡಬೇಕು. ಅಂಥ ಯಂತ್ರವನ್ನು ಮಾಡಬಲ್ಲದ್ದು ದೊಡ್ಡ ದೊಡ್ಡ ಸಂಸ್ಥೆಗಳ ಸಮಾಜ ಮಾತ್ರ. ಹಾಗಿರುವಾಗ ಅದು ತಟಸ್ಥ ಎನ್ನುವುದು ಯಾವ ಲೆಕ್ಕ?

ಹೊಟ್ಟೆಪಾಡಿಗೆ ನಾನು ವಿಮಾ ಪರಿಹಾರದ ಅರ್ಜಿಗಳಿಗೆ ತಂತ್ರಾಂಶ ಬರೆಯುತ್ತೇನೆ. ಅಪಘಾತ ಹೇಗಾಯಿತು ಎಂಬ ಪ್ರಶ್ನೆಯ ಕೆಳಗೆ ಒಂದು ಪಟ್ಟಿ ಬಿಚ್ಚಿಕೊಳ್ಳುತ್ತದೆ. ಕಟ್ಟಕಡೆಗೆ ‘ಇತರೆ’ ಎಂಬ ಖಾಲಿ ಜಾಗವಿತ್ತು. ಜನ ಅಲ್ಲಿ ಕಥೆಯನ್ನೇ ಬರೆಯುತ್ತಿದ್ದರು. ಜಿಂಕೆ ಬಂತು, ಆದರೆ ತಾಗಲಿಲ್ಲ, ಹಿಂದೆ ಕೂತಿದ್ದ ಮಗಳು ನೋಡು ನೋಡು ಎಂದು ಕೂಗಿದಳು, ತಿರುಗಿದೆ, ಅಷ್ಟರಲ್ಲಿ ಕಂಬ. ವರದಿಯಲ್ಲಿ ಇದನ್ನೆಲ್ಲ ಎಣಿಸಲು ಬರುವುದಿಲ್ಲವೆಂದು ಆ ಜಾಗವನ್ನು ತೆಗೆಸಿದರು. ಈಗ ಆ ತಂದೆ ‘ಪ್ರಾಣಿ’ ಅಥವಾ ‘ಗಮನ ತಪ್ಪಿದ್ದು’, ಎರಡರಲ್ಲಿ ಒಂದನ್ನು ಒತ್ತಬೇಕು. ಯಾವುದನ್ನು ಒತ್ತಬೇಕೆಂದು ಯಾರೂ ಹೇರಿಲ್ಲ, ನಿಜ.

ಮಾಂಟ್ರಿಯಲ್‌ನ ತತ್ತ್ವಜ್ಞಾನಿ ಚಾರ್ಲ್ಸ್ ಟೇಲರ್ ಈ ಮಾತಿಗೆ ಇಷ್ಟು ಕಟುವಾಗುವುದಿಲ್ಲ. 1991ರ ಮ್ಯಾಸಿ ಉಪನ್ಯಾಸಗಳಲ್ಲಿ ಅವರೂ ಆಧುನಿಕತೆಯ ಕಾಯಿಲೆಗಳನ್ನು ಪಟ್ಟಿ ಮಾಡಿದರು, ಆದರೆ ರೋಗಿಯನ್ನು ಚಟ್ಟಕ್ಕೆ ಏರಿಸಲಿಲ್ಲ. ತನಗೆ ತಾನು ನಿಜವಾಗಿ ಬದುಕಬೇಕೆಂಬ ಹಂಬಲದಲ್ಲಿ ಸ್ವಾರ್ಥದಾಚೆಗಿನ ಆದರ್ಶವೂ ಇದೆ, ಅದನ್ನು ಎತ್ತಿ ಹಿಡಿಯೋಣ ಎಂದರು. ಟೇಲರ್ ಜೊತೆ ಬದುಕುವುದು ಸುಲಭ. ಗ್ರ್ಯಾಂಟ್ ಓದಿದ ಮೇಲೆ ಮಾತ್ರ ಆ ಸುಲಭದ ಮೇಲೆಯೇ ಅನುಮಾನ ಬರುತ್ತದೆ.

ಇನ್ನು ಗ್ರ್ಯಾಂಟ್ ಜೊತೆಗಿನ ನನ್ನ ಜಗಳ. 1969ರ ಪ್ರಬಂಧವೊಂದರಲ್ಲಿ ಅವರು, ರಾಕಿ ಪರ್ವತಗಳಲ್ಲಿ ದೇವತೆಗಳಿರಬಹುದು, ಆದರೆ ಅವು ನಮಗೆ ಒಲಿಯಲಾರವು, ಅವು ಬೇರೆ ಜನರ ದೇವತೆಗಳು ಎಂಬರ್ಥದಲ್ಲಿ ಬರೆಯುತ್ತಾರೆ. ಇಷ್ಟು ಕಂಡವರು ಮುಂದಿನ ಹೆಜ್ಜೆ ಇಡಲಿಲ್ಲ. ಬ್ರಿಟಿಷ್ ದೊರೆಗೆ ನಿಷ್ಠರಾಗಿ ದಕ್ಷಿಣದಿಂದ ಬಂದವರೇ ಕೆನಡಾದ ಬೇರು ಎನ್ನುವುದಾದರೆ, ಆ ನಿಷ್ಠರಲ್ಲಿ ಹೌಡೆನೊಸೌನಿ ಎಂಬ ಮೂಲನಿವಾಸಿ ಜನರೂ ಇದ್ದರು. ಅಮೆರಿಕದ ಸ್ವಾತಂತ್ರ್ಯ ಯುದ್ಧದಲ್ಲಿ ನ್ಯೂಯಾರ್ಕಿನ ನೆಲ ಕಳೆದುಕೊಂಡ ಅವರಿಗೆ 1784ರಲ್ಲಿ ಗವರ್ನರ್ ಹಾಲ್ಡಿಮಂಡ್, ಗ್ರ್ಯಾಂಡ್ ನದಿಯ ಎರಡೂ ದಡದಲ್ಲಿ ಆರಾರು ಮೈಲಿ ಅಗಲದ ನೆಲ ಕೊಟ್ಟರು. ಈಗ ಉಳಿದಿರುವುದು ಸುಮಾರು ಇಪ್ಪತ್ತರಲ್ಲಿ ಒಂದು ಪಾಲು. 1923ರಲ್ಲಿ ಅವರ ಮುಖಂಡ ಡೆಸ್ಕಾಹೆ ತನ್ನ ಜನರದ್ದೇ ಪಾಸ್‌ಪೋರ್ಟ್ ಹಿಡಿದು ಜಿನೀವಾಕ್ಕೆ ಹೋಗಿ, ನಮ್ಮದೂ ಒಂದು ರಾಷ್ಟ್ರ, ಕೆನಡಾ ಅದನ್ನು ನುಂಗುತ್ತಿದೆ ಎಂದು ರಾಷ್ಟ್ರಸಂಘದ ಬಾಗಿಲು ತಟ್ಟಿದರು. ಬಾಗಿಲು ತೆರೆಯಲಿಲ್ಲ. 1924ರಲ್ಲಿ ಒಟ್ಟಾವಾ ಸರ್ಕಾರ ಪೊಲೀಸರ ಬಲದಿಂದ ಅವರ ಊರಾದ ಓಶ್ವೀಕನ್‌ನಲ್ಲಿದ್ದ ಪಾರಂಪರಿಕ ಮಂಡಳಿಯನ್ನು ಹೊರಹಾಕಿ, ಚುನಾಯಿತ ಮಂಡಳಿಯನ್ನು ಕೂರಿಸಿತು. ಒಂದೇ ಅಚ್ಚಿನ ಪ್ರಭುತ್ವ ಅಲ್ಲಿಗೆ ಬಂದದ್ದು ವಾಷಿಂಗ್ಟನ್ನಿನಿಂದಲ್ಲ, ಗ್ರ್ಯಾಂಟ್ ಯಾವುದಕ್ಕಾಗಿ ಅತ್ತರೋ ಆ ದೇಶದಿಂದಲೇ.

ಆದರೆ ಹೊರಹಾಕಿದ ಆ ಮಂಡಳಿ ಕರಗಿ ಹೋಗಲಿಲ್ಲ. ನೂರು ವರ್ಷದ ನಂತರವೂ ಅದು ಸೇರುತ್ತದೆ, ಗ್ರ್ಯಾಂಡ್ ನದಿಯ ನೆಲದ ಬಗ್ಗೆ ಒಟ್ಟಾವಾದ ಜೊತೆ ವಾದಕ್ಕೆ ನಿಲ್ಲುತ್ತದೆ. ಚರಿತ್ರೆಯ ಗಾಲಿಗೆ ಸಿಕ್ಕಿದ್ದು ಉಳಿಯದು ಎಂಬ ಗ್ರ್ಯಾಂಟ್ ಸಿದ್ಧಾಂತಕ್ಕೆ ಇದಕ್ಕಿಂತ ಗಟ್ಟಿಯಾದ ತಕರಾರು ನನಗೆ ಕಾಣುವುದಿಲ್ಲ. ಅವರು ಮೆಕ್‌ಮಾಸ್ಟರ್‌ನಲ್ಲಿ ಕಲಿಸಿದ್ದು 1961ರಿಂದ 1980ರವರೆಗೆ. ಓಶ್ವೀಕನ್ ಅಲ್ಲಿಂದ ಕಾರಿನಲ್ಲಿ ಒಂದು ಗಂಟೆಯ ದಾರಿಯೂ ಅಲ್ಲ.