ಕಾಲು ಕಾಣಿಸಬೇಕು

ಸ್ಕೇಟ್‌ಬೋರ್ಡ್ ಹಿಡಿದು ಊರೂರು ಸುತ್ತುವ ಹುಡುಗ ಹುಡುಗಿಯರ ಮೇಲೆ ಡಾಕ್ಯುಮೆಂಟರಿ ಮಾಡುತ್ತಿದ್ದೇನೆ. ಹಿಂದೆ ಚಾನೆಲ್ ಇಲ್ಲ, ನಿರ್ಮಾಪಕರಿಲ್ಲ. ಕ್ಯಾಮೆರಾ, ಸೌಂಡು, ಎಡಿಟಿಂಗ್ ಎಲ್ಲಾ ನಾನೇ. ಇವರ ಜೊತೆ ಓಡಾಡುತ್ತಾ ಒಂದು ಮಾತು ಗಟ್ಟಿಯಾಗಿದೆ: ಇವರನ್ನು ಹೇಗೆ ಶೂಟ್ ಮಾಡಬೇಕು ಅನ್ನೋದು ಇವರಿಗೇ ಚೆನ್ನಾಗಿ ಗೊತ್ತು.

ಹೊರಗಿನಿಂದ ಬಂದವರು ಮುಖ ಹಿಡಿಯುತ್ತಾರೆ, ಗಾಳಿಯಲ್ಲಿ ಹಾರಿದ್ದನ್ನು ಹಿಡಿಯುತ್ತಾರೆ, ಅಲ್ಲಿಗೇ ಕಟ್. ಸ್ಕೇಟರ್‌ಗಳು ನೋಡುವುದು ಕಾಲನ್ನು. ಹಿಂದಿನ ಕಾಲು ಬೋರ್ಡಿನ ತುದಿಯನ್ನು ಒದೆಯಬೇಕು, ಮುಂದಿನ ಶೂ ಬೋರ್ಡಿನ ಮೇಲೆ ಅಂಟಿಸಿರುವ ಒರಟು ಗ್ರಿಪ್ ಟೇಪನ್ನು ಉಜ್ಜಿಕೊಂಡು ಮೇಲೆ ಸರಿಯಬೇಕು, ನಾಲ್ಕೂ ಚಕ್ರ ನೆಲ ಮುಟ್ಟಿ ಮುಂದಕ್ಕೆ ಉರುಳಬೇಕು. ಆ ಉರುಳಿಕೆ ಕಾಣದಿದ್ದರೆ ಟ್ರಿಕ್ ಲೆಕ್ಕಕ್ಕೇ ಇಲ್ಲ. ನಿಂತನೋ ಬಿದ್ದನೋ ಯಾರಿಗೆ ಗೊತ್ತು, ಅಲ್ವಾ?

1995ರಲ್ಲಿ ಬಂದ ಸೋನಿ ವಿಎಕ್ಸ್ 1000 ಟೇಪ್ ಕ್ಯಾಮೆರಾವನ್ನು ಕೆಲವರು ಇವತ್ತಿಗೂ ರಿಪೇರಿ ಮಾಡಿಸಿಕೊಂಡು ಬಳಸುತ್ತಾರೆ. ಮುಂದೆ ತುಂಬಾ ಅಗಲ ನೋಟವನ್ನು ಬಾಗಿಸಿ ತೋರಿಸುವ ಫಿಶ್‌ಐ ಲೆನ್ಸ್. ಮೇಲಿನ ಹಿಡಿಯಲ್ಲಿ ಹಿಡಿದು, ನೆಲಕ್ಕೆ ತಾಗುವಷ್ಟು ಇಳಿಸಿ, ಶೂಟ್ ಮಾಡುವವನೂ ಬೋರ್ಡಿನ ಮೇಲೇ ಹಿಂಬಾಲಿಸುತ್ತಾನೆ. ಚಕ್ರದ ಗರಗರ, ಮರ ನೆಲಕ್ಕೆ ಬಡಿದ ಟಪ್ ಎಷ್ಟು ಚೆನ್ನಾಗಿ ಕೇಳಿಸುತ್ತದೆ! ಆ ಸದ್ದಿನ ಮೇಲೆ ನಾನು ಮ್ಯೂಸಿಕ್ ಹಾಕುವುದಿಲ್ಲ.

2021ರಲ್ಲಿ ನಡೆದ ಟೋಕಿಯೋ ಒಲಿಂಪಿಕ್ಸ್‌ನಲ್ಲಿ ಸ್ಕೇಟ್‌ಬೋರ್ಡಿಂಗ್‌ಗೂ ಪದಕದ ಸ್ಪರ್ಧೆ ಶುರುವಾಯಿತು. ಆದರೂ ಇವರು ತಿರುಗುವುದು ಸ್ಪಾಟ್, ಅಂದರೆ ಟ್ರಿಕ್ ಮಾಡಲು ಒಳ್ಳೆಯ ಜಾಗ, ಹುಡುಕಿಕೊಂಡು. ಹೊಸ ಊರಿಗೆ ಹೋದರೆ ಮೆಟ್ಟಿಲು, ಕಂಬಿ, ನುಣುಪಾದ ಕಲ್ಲುಕಟ್ಟೆ ಇಷ್ಟೇ ಕಣ್ಣಿಗೆ ಬೀಳುವುದು. ಬೋರ್ಡ್ ಜಾರಲಿ ಅಂತ ಕಟ್ಟೆಯ ಅಂಚಿಗೆ ಮೇಣ ಉಜ್ಜುತ್ತಾರೆ. ಗಾರ್ಡ್ ಬಂದು ಓಡಿಸುತ್ತಾನೆ. ರಾತ್ರಿ, ಅದೇ ದಿನ ಪರಿಚಯವಾದ ಸ್ಕೇಟರ್ ಮನೆಯ ನೆಲದ ಮೇಲೆ ಮಲಗುತ್ತಾರೆ. ಬೋರ್ಡ್ ಇದ್ದರೆ ಸಾಕು, ನೀನು ಯಾರು ಅಂತ ಕೇಳುವುದಿಲ್ಲ. ನನಗೆ ಟ್ರಿಕ್‌ಗಿಂತ ಜಾಸ್ತಿ ಇಷ್ಟವಾಗಿರುವುದು ಇದು. ಸಿನಿಮಾದ ಅರ್ಧ ಭಾಗ ಇದಕ್ಕೇ ಕೊಡುತ್ತೇನೆ.

ಇವರೆಲ್ಲ ಇನ್ನೂ ಚಿಕ್ಕವರು. ಹದಿನೆಂಟು ತುಂಬದವರಿದ್ದರೆ ಮನೆಯವರ ಒಪ್ಪಿಗೆ ಬೇಕೇ ಬೇಕು. ತುಂಬಿದವರ ಸಹಿಯೂ ಒಂದು ಸಲಕ್ಕೆ ಸಾಲದು ಅನ್ನುತ್ತೇನೆ ನಾನು. ಇವತ್ತು ಹುಮ್ಮಸ್ಸಿನಲ್ಲಿ ಹೇಳಿದ್ದು ಮುಂದೆ ಕೆಲಸ ಕೊಡುವವರ ಕಣ್ಣಿಗೂ ಬೀಳುತ್ತದೆ. ಅದಕ್ಕೇ ಎಡಿಟ್ ಆದ ಮೇಲೆ ತೋರಿಸಿ ಮತ್ತೆ ಕೇಳುತ್ತೇನೆ. ಹಾಗೆ ತೋರಿಸಿದರೆ ಸಿನಿಮಾ ನಿಮ್ಮ ಕೈ ತಪ್ಪುತ್ತದೆ ಅಂತ ಕೆಲವು ಗೆಳೆಯರು ಹೇಳುತ್ತಾರೆ. ನಾನು ಒಪ್ಪುವುದಿಲ್ಲ.

ಮೊನ್ನೆ ಒಬ್ಬಳು ನೋಡಿದಳು. ಅಪ್ಪನ ಜೊತೆ ಫೋನಿನಲ್ಲಿ ಜಗಳವಾಡಿದ್ದು ಬೇಡ ಅಂದಳು. ಬಿದ್ದು ಅತ್ತದ್ದು ಇರಲಿ, ಪೂರ್ತಿ ಇರಲಿ ಅಂದಳು. ಜಗಳ ತೆಗೆದಿದ್ದೇನೆ. ಅವಳು ಮನೆ ಬಿಟ್ಟು ಹೊರಟಿದ್ದು ಯಾಕೆ ಅಂತ ಹೇಳುತ್ತಿದ್ದದ್ದು ಅದೊಂದೇ ದೃಶ್ಯ. ಆ ಜಾಗಕ್ಕೆ ಏನು ಇಡಬಹುದು ಅಂತ ಈಗ ಹಳೇ ಫುಟೇಜ್ ತೆಗೆದು ಕೂತಿದ್ದೇನೆ.