ಗೇಮ್‌ಗಳ ಪಾಲು ಎಷ್ಟು? ಮೊದಲು ಛೇದ ಯಾವುದು ಹೇಳಿ

ಆ್ಯಪ್ ಸ್ಟೋರ್‌ಗಳಲ್ಲಿ ಗೇಮ್‌ಗಳ ಪಾಲು ಎಷ್ಟು ಅಂತ ಹುಡುಕಿದರೆ ಒಂದು ಕಡೆ ಕಾಲು ಭಾಗವೂ ಇಲ್ಲ ಅಂತಿರುತ್ತದೆ, ಇನ್ನೊಂದು ಕಡೆ ಮೂರರಲ್ಲೊಂದು ಅಂತ, ಮತ್ತೊಂದು ಕಡೆ ಮುಕ್ಕಾಲು ಅಂತ. ಓದಿದವರಿಗೆ ಇವರಲ್ಲಿ ಯಾರೋ ಸುಳ್ಳು ಹೇಳುತ್ತಿದ್ದಾರೆ ಅನ್ನಿಸುವುದು ಸಹಜ. ಸಾಮಾನ್ಯವಾಗಿ ಯಾರೂ ಸುಳ್ಳು ಹೇಳಿರುವುದಿಲ್ಲ. ಭಿನ್ನರಾಶಿಯ ಮೇಲೆ ಎಲ್ಲರೂ ಗೇಮನ್ನೇ ಕೂರಿಸಿರುತ್ತಾರೆ. ಕೆಳಗೆ ಮಾತ್ರ ಒಬ್ಬರು ಆ್ಯಪ್‌ಗಳ ಎಣಿಕೆ ಇಟ್ಟಿರುತ್ತಾರೆ, ಒಬ್ಬರು ಡೌನ್‌ಲೋಡ್, ಒಬ್ಬರು ದುಡ್ಡು.

ಈ ಮೂರರಲ್ಲಿ ದುಡ್ಡಿನ ಲೆಕ್ಕವೇ ಹೆಚ್ಚು ಗಟ್ಟಿ, ಯಾಕೆಂದರೆ ಅದು ಕೋರ್ಟಿನ ಮುಂದೆ ಬಂದಿದೆ. ಎಪಿಕ್ ಗೇಮ್ಸ್ ಆಪಲ್ ಮೇಲೆ ಹೂಡಿದ ಮೊಕದ್ದಮೆಯಲ್ಲಿ ಕ್ಯಾಲಿಫೋರ್ನಿಯಾದ ಫೆಡರಲ್ ನ್ಯಾಯಾಧೀಶೆ ಇವಾನ್ ಗೊನ್ಸಾಲೆಸ್ ರಾಜರ್ಸ್ 2021ರ ಸೆಪ್ಟೆಂಬರ್ 10ರಂದು ಕೊಟ್ಟ 185 ಪುಟದ ತೀರ್ಪಿನಲ್ಲಿ ಆ್ಯಪ್ ಸ್ಟೋರಿನ ಒಳಗಿನ ಅಂಕಿಗಳಿವೆ. 2016ರಲ್ಲಿ ಒಟ್ಟು ಡೌನ್‌ಲೋಡ್‌ಗಳಲ್ಲಿ ಗೇಮ್‌ಗಳದ್ದು ಸುಮಾರು 33%, ಆದರೆ ಬಿಲ್ ಆದ ಹಣದಲ್ಲಿ 81%. ತೀರ್ಪಿನ ಹೊತ್ತಿಗೆ ಆದಾಯದಲ್ಲಿ ಗೇಮ್‌ಗಳ ಪಾಲು ಸುಮಾರು 70% ಎಂದು ಕೋರ್ಟ್ ದಾಖಲಿಸಿತು. ಅದು ಬರುತ್ತಿದ್ದದ್ದು ಶೇಕಡಾ ಹತ್ತಕ್ಕಿಂತ ಕಡಿಮೆ ಗ್ರಾಹಕರಿಂದ.

ಅದೇ ತೀರ್ಪಿನಲ್ಲಿರುವ 2017ರ ಮೂರನೇ ತ್ರೈಮಾಸಿಕದ ಅಂಕಿಯನ್ನು ಸಾವಿರ ಆಪಲ್ ಖಾತೆಗಳಿಗೆ ಇಳಿಸಿ ನೋಡಿದರೆ ಚಿತ್ರ ಸ್ಪಷ್ಟವಾಗುತ್ತದೆ. ಸಾವಿರದಲ್ಲಿ 814 ಖಾತೆಗಳು ಒಂದು ಪೈಸೆಯನ್ನೂ ಖರ್ಚು ಮಾಡಿಲ್ಲ. 108 ಖಾತೆಗಳು ತ್ರೈಮಾಸಿಕಕ್ಕೆ 15 ಡಾಲರಿಗಿಂತ ಕಡಿಮೆ ಕೊಟ್ಟಿವೆ. ಒಟ್ಟು ಹಣದಲ್ಲಿ ಅವುಗಳದ್ದು 4.9%. 74 ಖಾತೆಗಳು 15ರಿಂದ 450 ಡಾಲರ್ ಕೊಟ್ಟು 41.5% ತುಂಬಿವೆ. ಉಳಿದದ್ದು ಐದು ಖಾತೆಗಳೂ ಇಲ್ಲ. ಅಷ್ಟೇ ಮಂದಿ ತಲಾ 450 ಡಾಲರಿಗೂ ಮೇಲೆ ಸುರಿದು 53.7% ಕೊಟ್ಟಿದ್ದಾರೆ, ಅದರಲ್ಲಿ ಬಹುಪಾಲು ಗೇಮ್‌ನೊಳಗಿನ ಖರೀದಿಗೇ ಹೋಗಿದೆ. 'ಜನ ಗೇಮ್‌ಗಳಿಗೆ ದುಡ್ಡು ಸುರಿಯುತ್ತಾರೆ' ಅನ್ನುವ ತಲೆಬರಹದ 'ಜನ' ಇಷ್ಟು.

ಈ 70% ಯಾವುದರ 70% ಅನ್ನುವುದೂ ಮುಖ್ಯ. ಸ್ಟೋರಿನ ಬಿಲ್ಲಿಂಗ್ ಮೂಲಕ ಹಾದುಹೋಗುವ ಡಿಜಿಟಲ್ ಸರಕು ಮಾತ್ರ ಈ ಛೇದದಲ್ಲಿದೆ. ಕೆಎಸ್ಆರ್‌ಟಿಸಿ ಟಿಕೆಟ್, ಬೆಸ್ಕಾಂ ಬಿಲ್, ಸ್ವಿಗ್ಗಿಯಲ್ಲಿ ತರಿಸಿದ ಮಸಾಲೆ ದೋಸೆ ಇವೆಲ್ಲ ಆ್ಯಪ್ ಮೂಲಕವೇ ಆದರೂ ಇಲ್ಲಿ ಸೊನ್ನೆ, ಯಾಕೆಂದರೆ ಭೌತಿಕ ಸರಕು ಮತ್ತು ಸೇವೆಗೆ ಸ್ಟೋರಿನ ಪಾವತಿ ವ್ಯವಸ್ಥೆ ಬಳಸುವುದಿಲ್ಲ. ಆ ಕಡೆ ಗೇಮ್‌ಗಳದ್ದೂ ಒಂದು ಭಾಗ ಬಿಟ್ಟುಹೋಗಿದೆ. ಬೆರಳಾಡಿಸಿದರೆ ಮುಗಿಯಿತು ಅನ್ನುವಂಥ ಹೈಪರ್ ಕ್ಯಾಶುವಲ್ ಗೇಮ್‌ಗಳು ಬದುಕುವುದು ಜಾಹೀರಾತಿನಿಂದ. ಆ ಹಣ ಜಾಹೀರಾತು ಜಾಲಗಳಿಂದ ನೇರ ಡೆವಲಪರ್ ಖಾತೆಗೆ ಬರುತ್ತದೆ, ಸ್ಟೋರಿನ ಲೆಕ್ಕಪುಸ್ತಕದಲ್ಲಿ ಕಾಣುವುದಿಲ್ಲ. ಆದ್ದರಿಂದ 'ಆ್ಯಪ್ ಆರ್ಥಿಕತೆಯ 70% ಗೇಮ್' ಅಂತ ಬರೆದದ್ದು ಕಂಡರೆ ಅಲ್ಲಿಗೇ ಓದು ನಿಲ್ಲಿಸಬಹುದು. 81ರಿಂದ 70ಕ್ಕೆ ಯಾಕೆ ಇಳಿಯಿತು? 2016ರಲ್ಲಿ ಆಪಲ್ ಚಂದಾ ಪದ್ಧತಿಯನ್ನು ಎಲ್ಲ ವಿಭಾಗಗಳಿಗೂ ತೆರೆದದ್ದೇ ದೊಡ್ಡ ಕಾರಣ ಅನ್ನುವುದು ನನ್ನ ಅಂದಾಜು.

ಇನ್ನು ಕಪಾಟಿನ ಎಣಿಕೆ, ಅಂದರೆ ನೂರು ಆ್ಯಪ್‌ಗಳಲ್ಲಿ ಎಷ್ಟು ಗೇಮ್ ಅನ್ನುವುದು. ಆಪಲ್ ಮಟ್ಟಿಗೆ ಇದನ್ನು ಮನೆಯಲ್ಲೇ ಕೂತು ಮಾಡಬಹುದು. ಆಪಲ್‌ನ ಐಟ್ಯೂನ್ಸ್ ಸರ್ಚ್ ಎಪಿಐ, ಅಂದರೆ ಪ್ರೋಗ್ರಾಮ್ ಮೂಲಕ ಸ್ಟೋರಿನ ಮಾಹಿತಿ ಕೇಳುವ ಕಿಂಡಿ, ಎಲ್ಲರಿಗೂ ತೆರೆದಿದೆ, ಕೀ ಬೇಡ, ಲಾಗಿನ್ ಬೇಡ. ಅದರಲ್ಲಿ ಪದ ಕೊಟ್ಟು ಹುಡುಕುವ ಸರ್ಚ್, ಐಡಿ ಕೊಟ್ಟು ಕೇಳುವ ಲುಕಪ್ ಅಂತ ಎರಡು ದಾರಿ. ಹೊಸಬರು ಎಡವುವುದು ಸರ್ಚ್‌ನಲ್ಲಿ. ಒಂದು ಪದಕ್ಕೆ ಅದು ಹೆಚ್ಚೆಂದರೆ 200 ಫಲಿತಾಂಶ ಕೊಡುತ್ತದೆ, ಅದೂ ತನಗೆ ಮುಖ್ಯ ಅನ್ನಿಸಿದ ಕ್ರಮದಲ್ಲಿ. ಯಾರೂ ಮುಟ್ಟದ ಲಕ್ಷಾಂತರ ಆ್ಯಪ್‌ಗಳು ಅಲ್ಲಿ ತಲೆಯೆತ್ತುವುದೇ ಇಲ್ಲ. ಟಾಪ್ 100 ಪಟ್ಟಿ ಹಿಡಿದು ಎಣಿಸುವುದೂ ಇದೇ ತಪ್ಪು; ಮೊದಲ ಬೆಂಚಿನವರ ಅಂಕ ನೋಡಿ ಇಡೀ ಶಾಲೆಯ ಸರಾಸರಿ ಹೇಳಿದ ಹಾಗೆ.

ಸರಿಯಾದ ದಾರಿ ಹೀಗೆ. ಆ್ಯಪ್ ಸ್ಟೋರ್ ಜಾಲತಾಣದ ರೋಬಾಟ್ಸ್ ಕಡತ (ಸರ್ಚ್ ಎಂಜಿನ್‌ಗಳಿಗೆಂದು ಇಟ್ಟಿರುವ robots.txt) ತೆರೆದರೆ ಸೈಟ್‌ಮ್ಯಾಪ್‌ಗಳ, ಅಂದರೆ ತಾಣದ ಪುಟಗಳ ಪಟ್ಟಿಗಳ, ವಿಳಾಸ ಸಿಗುತ್ತದೆ. ಅವು ಜಿಪ್ ಆಗಿರುತ್ತವೆ, ಬಿಚ್ಚಿ ಪ್ರತಿ ವಿಳಾಸದ ಕೊನೆಯ ಐಡಿ ಅಂಕಿಯನ್ನಷ್ಟೇ ತೆಗೆದುಕೊಳ್ಳಿ. ಒಂದೇ ಆ್ಯಪ್ ಹಲವು ದೇಶಗಳ ಹೆಸರಲ್ಲಿ ಬಂದಿರುತ್ತದೆ, ನಕಲು ತೆಗೆಯದಿದ್ದರೆ ಹೆಚ್ಚು ದೇಶಗಳಲ್ಲಿರುವ ಆ್ಯಪ್‌ಗಳ ತೂಕ ಸುಮ್ಮನೆ ಏರುತ್ತದೆ. ಆಮೇಲೆ ಎಲ್ಲ ಕಡತಗಳಿಂದಲೂ ಚೀಟಿ ಎತ್ತಿದ ಹಾಗೆ 1,600 ಐಡಿ ಆರಿಸಿ. ಬರೀ ಅಂಕಿಗಳನ್ನು ತೋಚಿದಂತೆ ಹುಟ್ಟಿಸಿ ಕೇಳುವ ಉಪಾಯ ಕೆಲಸಕ್ಕೆ ಬಾರದು. ಅದೇ ಅಂಕಿಸಾಲಿನಲ್ಲಿ ಹಾಡು, ಆಲ್ಬಮ್, ಪುಸ್ತಕಗಳೂ ಇವೆ.

1,600 ಯಾಕೆ? 400 ಆ್ಯಪ್ ತೆಗೆದು ಅದರಲ್ಲಿ 60 ಗೇಮ್ ಬಂದವು ಅಂದುಕೊಳ್ಳಿ. ಪಾಲು 15%, ಆದರೆ 95% ಭರವಸೆಯ ಮಟ್ಟದಲ್ಲಿ ತಪ್ಪಿನ ಅಂಚು ಆಚೀಚೆ 3.5. ಅಂದರೆ ನಿಜ ಎಲ್ಲೋ 11.5ರಿಂದ 18.5ರ ನಡುವೆ. ಮಾದರಿಯನ್ನು ನಾಲ್ಕು ಪಟ್ಟು ಮಾಡಿದರೆ ಅಂಚು ಅರ್ಧವಾಗಿ 1.75ಕ್ಕೆ ಬರುತ್ತದೆ. ಹೋದ ವರ್ಷಕ್ಕೂ ಈ ವರ್ಷಕ್ಕೂ ಒಂದು ಪಾಯಿಂಟ್ ವ್ಯತ್ಯಾಸ ಹಿಡಿಯಬೇಕೆಂದರೆ 1,600 ಕೂಡ ಸಾಲದು.

ಲುಕಪ್‌ಗೆ ಐಡಿಗಳ ನಡುವೆ ಅಲ್ಪವಿರಾಮ ಹಾಕಿ ಒಂದೇ ಸಲಕ್ಕೆ ಹಲವನ್ನು ಕಳಿಸಬಹುದು, ಜೊತೆಗೆ ದೇಶದ ಕೋಡ್ ಕೊಡಬೇಕು. ನಿಮಿಷಕ್ಕೆ ಸುಮಾರು 20 ಕರೆಯ ಮಿತಿ ಇದೆ. ಮೀರಿದರೆ ಉತ್ತರ ಬರುವುದು ನಿಲ್ಲುತ್ತದೆ. ಸ್ಕ್ರಿಪ್ಟ್ ಆ ಖಾಲಿ ಉತ್ತರವನ್ನು 'ಆ್ಯಪ್ ಇಲ್ಲ' ಅಂತ ಬರೆದುಕೊಂಡರೆ ಇಡೀ ಎಣಿಕೆ ಕೆಟ್ಟಿತು. ಎರಡು ಕರೆಗಳ ನಡುವೆ ನಾಲ್ಕು ಸೆಕೆಂಡ್ ಬಿಟ್ಟರೆ ಕ್ಷೇಮ.

ಬಂದ ಉತ್ತರದಲ್ಲಿ ಪ್ರೈಮರಿ ಜಾನ್ರಾ ಐಡಿ (ಮುಖ್ಯ ವಿಭಾಗದ ಸಂಖ್ಯೆ), ಜಾನ್ರಾ ಐಡಿಗಳ ಪಟ್ಟಿ (ಎಲ್ಲ ವಿಭಾಗಗಳ ಸಂಖ್ಯೆ) ಅಂತ ಎರಡು ಬೇರೆ ಬೇರೆ ಜಾಗಗಳಿವೆ. ಗೇಮ್‌ಗಳ ಸಂಖ್ಯೆ 6014. ಅದರ ಒಳವಿಭಾಗಗಳು 7001ರಿಂದ ಶುರು: ಆ್ಯಕ್ಷನ್ 7001, ಬೋರ್ಡ್ 7004, ಪಜಲ್ 7012, ಹೀಗೆ. ಪ್ರೈಮರಿಯಲ್ಲಿ 6014 ಇದ್ದರೆ ಮಾತ್ರ ಗೇಮ್ ಅಂತ ಹಿಡಿಯಿರಿ. ಪಟ್ಟಿಯಲ್ಲಿ ಎಲ್ಲಿ 6014 ಕಂಡರೂ ಎಣಿಸಿದರೆ, ಮುಖ್ಯ ವಿಭಾಗ ಶಿಕ್ಷಣ (6017), ಎರಡನೇ ವಿಭಾಗ ಗೇಮ್ ಅಂತ ಇಟ್ಟುಕೊಂಡ ಮಗ್ಗಿ ಆ್ಯಪ್‌ಗಳೂ ಒಳಗೆ ನುಗ್ಗುತ್ತವೆ. ಎರಡು ರೀತಿಯಲ್ಲೂ ಎಣಿಸಿ ಎರಡನ್ನೂ ಬರೆದಿಟ್ಟರೆ ಇನ್ನೂ ಒಳ್ಳೆಯದು, ಆ ಅಂತರವೇ ಒಂದು ಮಾಹಿತಿ. ಬೆಲೆಯ ಜಾಗದಲ್ಲಿ 0 ನೋಡಿ ಉಚಿತ ಅಂತ ಗುರುತು ಹಾಕಬೇಡಿ. ಗೇಮ್‌ನೊಳಗಿನ ಖರೀದಿಯ ವಿವರ ಈ ಉತ್ತರದಲ್ಲಿ ಬರುವುದೇ ಇಲ್ಲ.

ವಿಭಾಗ ಆರಿಸುವವರು ಡೆವಲಪರ್‌ಗಳೇ ಅನ್ನುವುದನ್ನೂ ಮರೆಯಬಾರದು. ಡೆವಲಪರ್‌ಗಳಿಗೆಂದು ಗೂಗಲ್ ಇಟ್ಟಿರುವ ಪ್ಲೇ ಕನ್ಸೋಲ್‌ನಲ್ಲಿ ಹೊಸದನ್ನು ಸೃಷ್ಟಿಸುವಾಗಲೇ ಆ್ಯಪ್ಪೋ ಗೇಮೋ ಅಂತ ಕೇಳುತ್ತದೆ, ಆಮೇಲೆ ಸ್ಟೋರ್ ಸೆಟ್ಟಿಂಗ್ಸ್‌ನಲ್ಲಿ ಬದಲಿಸಿಕೊಳ್ಳಬಹುದು. ಆಪಲ್‌ನಲ್ಲಿ ಬದಲಿಸಲು ಹೊಸ ಆವೃತ್ತಿ ಸಲ್ಲಿಸಬೇಕು. ಚೌಕಾಬಾರದಂಥದ್ದು ಬೋರ್ಡ್‌ಗೆ ಹೋಗುವುದರಲ್ಲಿ ಗೊಂದಲವಿಲ್ಲ. ಮಕ್ಕಳ ಅಕ್ಷರ ಆಟ, ಕ್ವಿಜ್, ಬಣ್ಣ ತುಂಬುವುದು ಇವು ಎಲ್ಲಿ ಪೈಪೋಟಿ ಕಡಿಮೆಯೋ ಅಲ್ಲಿಗೆ ವಾಲುತ್ತವೆ, ಅಂದರೆ ಗೇಮ್ ಬಿಟ್ಟು ಶಿಕ್ಷಣ ಅಥವಾ ಮನರಂಜನೆಗೆ. 2017ರ ಐಒಎಸ್ 11ರಲ್ಲಿ ಗೇಮ್‌ಗಳಿಗೆ ಬೇರೆಯೇ ಟ್ಯಾಬ್ ಆದಮೇಲಂತೂ ಯಾವ ಸಾಲಿನಲ್ಲಿ ನಿಲ್ಲುವುದು ಅನ್ನುವುದು ವ್ಯಾಪಾರದ ಪ್ರಶ್ನೆ. ಆಂಡ್ರಾಯ್ಡ್‌ನಲ್ಲಿ ಇನ್ನೊಂದು ಗುರುತೂ ಇದೆ: ಮ್ಯಾನಿಫೆಸ್ಟ್‌ನಲ್ಲಿ, ಅಂದರೆ ಆ್ಯಪ್ ತನ್ನ ಬಗ್ಗೆ ಫೋನಿಗೆ ಹೇಳುವ ಕಡತದಲ್ಲಿ, ಆ್ಯಪ್ ಕೆಟಗರಿ 'ಗೇಮ್' ಅಂತ ಬರೆಯುವುದು, ಎಪಿಐ 26ರಿಂದ (ಆಂಡ್ರಾಯ್ಡ್ 8) ಬಂದದ್ದು. ಅದು ಫೋನಿಗೆ, ಸ್ಟೋರಿಗಲ್ಲ. ಸ್ಟೋರಿನಲ್ಲಿ ಗೇಮ್ ಅಂತ ಹಾಕಿ ಮ್ಯಾನಿಫೆಸ್ಟ್‌ನಲ್ಲಿ ಮರೆತರೆ ಫೋನಿನ ಗೇಮ್ ಮೋಡ್ ಅದನ್ನು ಗೇಮ್ ಅಂತ ಗುರುತಿಸದೇ ಇರಬಹುದು.

ಪ್ಲೇ ಸ್ಟೋರಿಗೆ ಲುಕಪ್‌ನಂಥ ಸಾರ್ವಜನಿಕ ಕಿಂಡಿ ಇಲ್ಲ. ಹೊರಗಿನವರು ಒಂದು ಆ್ಯಪ್ ಪುಟದಿಂದ 'ಇಂಥವೇ ಇನ್ನಷ್ಟು' ಹಿಡಿದು ಮತ್ತೊಂದಕ್ಕೆ ಹಾರುತ್ತಾ ಗುಡಿಸಿಕೊಂಡು ಬಂದದ್ದೇ ಲೆಕ್ಕ. ಯಾವ ಕೊಂಡಿಯೂ ತೋರಿಸದ ಆ್ಯಪ್ ಆ ಪೊರಕೆಗೆ ಸಿಗುವುದಿಲ್ಲ.

ಅಲ್ಲದೆ ಪ್ಲೇ ಸ್ಟೋರಿನ ಛೇದವೇ ಈಚೆಗೆ ಕುಸಿದುಬಿದ್ದಿದೆ. ಆ್ಯಪ್ ಮಾರುಕಟ್ಟೆಯ ಅಂಕಿಅಂಶ ಕೊಡುವ ಆ್ಯಪ್‌ಫಿಗರ್ಸ್ ಸಂಸ್ಥೆಯ ಲೆಕ್ಕದ ಪ್ರಕಾರ 2024ರ ಆರಂಭದಲ್ಲಿ ಸುಮಾರು 34 ಲಕ್ಷವಿದ್ದ ಆ್ಯಪ್‌ಗಳು 2025ರ ಏಪ್ರಿಲ್ ಹೊತ್ತಿಗೆ 18 ಲಕ್ಷ. ಬರೀ ಪಠ್ಯವಿರುವ, ಒಂದು ಪಿಡಿಎಫ್ ತೋರಿಸುವ, ಒಂದೇ ವಾಲ್‌ಪೇಪರ್ ಇರುವ ಆ್ಯಪ್‌ಗಳನ್ನು ಬಿಡುವುದಿಲ್ಲ ಅಂತ ಗೂಗಲ್ 2024ರಲ್ಲಿ ನಿಯಮ ಬಿಗಿ ಮಾಡಿತು. ಹೊಸ ವೈಯಕ್ತಿಕ ಖಾತೆಯವರು 14 ದಿನ ಸತತವಾಗಿ 20 ಜನರಿಂದ ಪರೀಕ್ಷೆ ಮಾಡಿಸಬೇಕು ಅನ್ನುವುದು 2023ರ ನವೆಂಬರ್‌ನಲ್ಲೇ ಬಂದಿತ್ತು, ಮುಂದೆ 20 ಅನ್ನುವುದು 12 ಆಯಿತು. ಇದು ಪಾಲಿಗೆ ಏನು ಮಾಡುತ್ತದೆ ನೋಡಿ. ನೂರು ಆ್ಯಪ್, ಅದರಲ್ಲಿ 15 ಗೇಮ್ ಅಂದುಕೊಳ್ಳಿ. 47 ಹೋದವು, ಹೋದವುಗಳಲ್ಲಿ ಗೇಮ್ 5. ಉಳಿದದ್ದು 53ರಲ್ಲಿ 10, ಅಂದರೆ 18.9%. ಗೇಮ್‌ಗಳಲ್ಲಿ ಮೂರರಲ್ಲೊಂದು ಸತ್ತಿದೆ, ಪಾಲು ಮಾತ್ರ ಏರಿದೆ.

ಗೇಮ್‌ಗಳು ಸಾಯುವ ರೀತಿಯೇ ಬೇರೆ. ಸುದ್ದಿ ಆ್ಯಪ್ಪೊಂದು ಆಂಡ್ರಾಯ್ಡ್‌ನ ಸಾಮಾನ್ಯ ಭಾಷೆಯಾದ ಕೋಟ್ಲಿನ್‌ನಲ್ಲಿದ್ದರೆ ಹೊಸ ನಿಯಮ ಬಂದಾಗ ಮತ್ತೆ ಬಿಲ್ಡ್ ಮಾಡಿ ಕಳಿಸಿದರೆ ಬಹುತೇಕ ಮುಗಿಯಿತು. ಗೇಮ್‌ನ ಹೊಟ್ಟೆಯಲ್ಲಿ ಯೂನಿಟಿ ಅಥವಾ ಅನ್‌ರಿಯಲ್‌ನಂಥ ಗೇಮ್ ಕಟ್ಟುವ ಎಂಜಿನ್ನಿನ ನೇಟಿವ್ ಲೈಬ್ರರಿಗಳಿರುತ್ತವೆ, ಅಂದರೆ ನೇರ ಪ್ರೊಸೆಸರ್‌ಗೆಂದೇ ತಯಾರಾದ ಕೋಡ್. 2017ರಲ್ಲಿ ಐಒಎಸ್ 11 ಬಂದು 32 ಬಿಟ್ ಆ್ಯಪ್‌ಗಳು ತೆರೆಯುವುದೇ ನಿಂತಾಗ ಹಳೆಯ ಗೇಮ್‌ಗಳ ಒಂದು ತಲೆಮಾರೇ ಹೋಯಿತು. ಪ್ಲೇ ಸ್ಟೋರ್ 2019ರ ಆಗಸ್ಟ್ 1ರಿಂದ 64 ಬಿಟ್ ಕಡ್ಡಾಯ ಮಾಡಿದರೂ ಯೂನಿಟಿ 5.6 ಮತ್ತು ಅದಕ್ಕೂ ಹಳೆಯದರಲ್ಲಿ ಕಟ್ಟಿದ ಗೇಮ್‌ಗಳಿಗೆ 2021ರ ಆಗಸ್ಟ್‌ವರೆಗೆ ಬಿಡುವು ಕೊಟ್ಟಿತ್ತು. ಈಗ 2025ರ ನವೆಂಬರ್ 1ರಿಂದ, ಆಂಡ್ರಾಯ್ಡ್ 15 ಮತ್ತು ಮೇಲಿನದನ್ನು ಗುರಿಯಾಗಿಟ್ಟ ಹೊಸ ಆ್ಯಪ್, ಅಪ್‌ಡೇಟ್‌ಗಳು 16 ಕೆಬಿ ಮೆಮೊರಿ ಪೇಜಿಗೆ (ಫೋನ್ ಮೆಮೊರಿಯನ್ನು ಹಂಚುವ ತುಣುಕಿನ ಗಾತ್ರ) ಹೊಂದಬೇಕು. ಇದೂ ಬಂದು ಬೀಳುವುದು ನೇಟಿವ್ ಕೋಡ್ ಮೇಲೆಯೇ. ಎಂಜಿನ್ ಆವೃತ್ತಿ ಏರಿಸಬೇಕು, ಏರಿಸಿದರೆ ಜಾಹೀರಾತಿನ ಹಳೆಯ ಪ್ಲಗಿನ್ ಒಡೆಯುತ್ತದೆ, ಪ್ಲಗಿನ್ ಮಾಡಿದವರು ಅಂಗಡಿ ಮುಚ್ಚಿರುತ್ತಾರೆ. ತಿಂಗಳಿಗೆ ನಾಲ್ಕು ಕಾಸು ತರುವ ಗೇಮ್‌ಗೆ ಯಾರು ಇಷ್ಟು ಮಾಡುತ್ತಾರೆ?

ಇದಕ್ಕೆ ಮೇಲೆ ಆಪಲ್‌ನ 2022ರ ನಿಯಮ: ಮೂರು ವರ್ಷ ಅಪ್‌ಡೇಟ್ ಆಗದೆ, ಡೌನ್‌ಲೋಡ್ ಕೂಡ ತೀರಾ ಕಡಿಮೆ ಇದ್ದರೆ ನೋಟಿಸ್, 90 ದಿನ ಗಡುವು. ಬ್ಯಾಂಕ್ ಆ್ಯಪ್‌ಗೆ ಇದು ಸರಿ. ಆದರೆ ಗೇಮ್ ಮುಗಿಯುವಂಥ ವಸ್ತು. ಚೌಕಾಬಾರಕ್ಕೆ ಎಂಥ ಅಪ್‌ಡೇಟ್?

ಹುಟ್ಟುವುದೂ ಅಷ್ಟೇ ವೇಗ. ಒಂದು ಟೆಂಪ್ಲೇಟ್ ಕೊಂಡು, ಚಿತ್ರ ಬದಲಿಸಿ, ಹತ್ತು ಹೆಸರಲ್ಲಿ ಬಿಡುವುದಕ್ಕೆ ರೀಸ್ಕಿನ್ ಅಂತಾರೆ. ವಿಯೆಟ್ನಾಮಿನ ಡಾಂಗ್ ನುಯೆನ್ 2014ರ ಫೆಬ್ರವರಿಯಲ್ಲಿ ಫ್ಲ್ಯಾಪಿ ಬರ್ಡ್ ತೆಗೆದುಹಾಕಿದಾಗ ಅದರ ನಕಲುಗಳು ಎರಡೂ ಸ್ಟೋರಿಗೆ ಮಿಡತೆಗಳ ಹಾಗೆ ಬಂದವು. ಆಪಲ್ ಮಾರ್ಗಸೂಚಿಯ 4.3ನೇ ಅಂಶ ಇಂಥ ಸ್ಪ್ಯಾಮ್‌ಗೆಂದೇ ಇದೆ. ಒಂದೇ ಗೇಮ್‌ಗೆ ಹಲವು ಬಂಡಲ್ ಐಡಿ (ಸ್ಟೋರಿನಲ್ಲಿ ಆ್ಯಪ್‌ನ ಗುರುತಿನ ಹೆಸರು) ಮಾಡಿದರೆ ರಿಜೆಕ್ಟ್.

ದೇಶದ ಕೋಡ್ ಬದಲಾದರೆ ಪಾಲೂ ಬದಲಾಗುತ್ತದೆ. ಚೀನಾದಲ್ಲಿ ದುಡ್ಡು ಪಡೆಯುವ ಗೇಮ್‌ಗೆ ಸರ್ಕಾರಿ ಪರವಾನಗಿ ಸಂಖ್ಯೆ ಬೇಕು. ಅದಿಲ್ಲವೆಂದು 2020ರ ಡಿಸೆಂಬರ್ 31ರಂದು ಒಂದೇ ದಿನ ಅಲ್ಲಿನ ಆ್ಯಪ್ ಸ್ಟೋರಿನಿಂದ 39,000 ಗೇಮ್‌ಗಳು ಹೋದವು ಎಂದು ಕ್ವಿಮಾಯ್ ಸಂಸ್ಥೆ ಲೆಕ್ಕ ಹಾಕಿತ್ತು. ಭಾರತದಲ್ಲಿ ಹಣ ಕಟ್ಟಿ ಆಡುವ ರಮ್ಮಿ ಮತ್ತು ಫ್ಯಾಂಟಸಿ ಕ್ರೀಡೆಯ ಆ್ಯಪ್‌ಗಳಿಗೆ 2022ರ ಸೆಪ್ಟೆಂಬರ್‌ವರೆಗೆ ಪ್ಲೇ ಸ್ಟೋರಿನಲ್ಲಿ ಜಾಗವಿರಲಿಲ್ಲ. ಕಂಪನಿಗಳ ಸ್ವಂತ ಜಾಲತಾಣದಿಂದ ಎಪಿಕೆ (ಆಂಡ್ರಾಯ್ಡ್ ಆ್ಯಪ್‌ನ ಕಡತ) ಇಳಿಸಿಕೊಳ್ಳಬೇಕಿತ್ತು, ಹಾಗಾಗಿ ಫೋನ್‌ಗಳಲ್ಲಿ ಇದ್ದೂ ಸ್ಟೋರಿನ ಎಣಿಕೆಯಲ್ಲಿ ಇರಲಿಲ್ಲ. ಆಮೇಲೆ ಗೂಗಲ್ ಪ್ರಯೋಗಾರ್ಥ ಒಳಗೆ ಬಿಟ್ಟುಕೊಂಡಿತು. 2025ರ ಆಗಸ್ಟ್ 22ರಂದು ರಾಷ್ಟ್ರಪತಿಗಳ ಅಂಕಿತ ಬಿದ್ದ ಆನ್‌ಲೈನ್ ಗೇಮಿಂಗ್ ಕಾಯ್ದೆ ಹಣ ಕಟ್ಟಿ ಆಡುವ ಆಟಗಳನ್ನೇ ನಿಷೇಧಿಸಿತು. ಈ ತಾರೀಖಿನ ಹಿಂದಿನ ಮಾದರಿಯನ್ನೂ ಮುಂದಿನದನ್ನೂ ಒಂದೇ ಕೋಷ್ಟಕದಲ್ಲಿ ಕಲಸಬೇಡಿ. ಹಳೆಯ ಪಟ್ಟಿಯ ಐಡಿಗೆ ಲುಕಪ್‌ನಲ್ಲಿ ಭಾರತದ ಕೋಡ್ ಕೊಟ್ಟಾಗ ರಿಸಲ್ಟ್ ಕೌಂಟ್ (ಸಿಕ್ಕ ಫಲಿತಾಂಶಗಳ ಸಂಖ್ಯೆ) 0 ಬಂದರೆ ಅದೇ ಐಡಿಯನ್ನು ಅಮೆರಿಕದ ಕೋಡ್‌ನಲ್ಲಿ ಇನ್ನೊಮ್ಮೆ ಕೇಳಿ. ಅಲ್ಲಿ ಸಿಕ್ಕರೆ ಇಲ್ಲಿಂದ ಮಾತ್ರ ತೆಗೆದದ್ದು. ಅಲ್ಲೂ 0 ಬಂದರೆ ಭಾರತಕ್ಕೆಂದಷ್ಟೇ ಬಿಟ್ಟು ಈಗ ತೆಗೆದದ್ದಿರಬಹುದು, ಎಲ್ಲ ಕಡೆಯೂ ಸತ್ತದ್ದಿರಬಹುದು; ಅದನ್ನು ಬೇರೆ ಕಾಲಂನಲ್ಲಿ ಬರೆದಿಡಿ.