ಗರ್ಡರ್ ಎತ್ತುವ ಮುಂಚಿನ ಕೆಲಸ

ಕೋಡಿಬಾಗ ಮತ್ತು ಸದಾಶಿವಗಡದ ನಡುವಿನ ಹಳೆಯ ಕಾಳಿ ಸೇತುವೆ 2024ರ ಆಗಸ್ಟ್ 7ರಂದು, ಮಧ್ಯರಾತ್ರಿ ಕಳೆದ ಹೊತ್ತಿಗೆ ಕುಸಿಯಿತು. ಮೇಲಿದ್ದ ಲಾರಿ ಹೊಳೆಗೆ ಬಿತ್ತು. ಚಾಲಕ ಬದುಕಿದ್ದು ದೊಡ್ಡ ಪುಣ್ಯ. ಅಂದಿನಿಂದ ಕಾರವಾರ, ಅಂಕೋಲಾ ಕಡೆ ಸೇತುವೆಯ ಮಾತು ಬಂದರೆ ಚೀನಾದ ಮಾತೂ ಬರುತ್ತದೆ. ಅವರನ್ನು ನೋಡಿ ಕಲಿಯಬೇಕು ಎನ್ನುವವರು ಒಂದು ಕಡೆ, ಚೀನಾ ಮಾಲು ಎಷ್ಟು ದಿನ ಬಾಳೀತು ಎನ್ನುವವರು ಇನ್ನೊಂದು ಕಡೆ. ಎರಡಕ್ಕೂ ಸಾಕ್ಷಿ ಸಿಗುತ್ತದೆ. ಬಾಂಗ್ಲಾದೇಶದ ಪದ್ಮಾ ಸೇತುವೆ ಕಟ್ಟಿದ್ದು ಚೀನಾದ ಕಂಪನಿ, ಎಕ್ವಡಾರ್‌ನ ಬಿರುಕುಬಿಟ್ಟ ವಿದ್ಯುತ್ ಯೋಜನೆ ಕಟ್ಟಿದ್ದೂ ಚೀನಾದ ಕಂಪನಿ. ಇಷ್ಟು ವ್ಯತ್ಯಾಸಕ್ಕೆ ಕಾರಣ ಬಹುಮಟ್ಟಿಗೆ ಕಟ್ಟುವವರಲ್ಲಿಲ್ಲ, ಕಟ್ಟಿಸುವವರಲ್ಲಿದೆ.

ಮೊದಲು ಅವರು ನಿಜಕ್ಕೂ ಚೆನ್ನಾಗಿ ಮಾಡುವ ಕೆಲಸ ನೋಡೋಣ. ಬೀಜಿಂಗ್–ಶಾಂಘೈ ಹೈಸ್ಪೀಡ್ ರೈಲು ಮಾರ್ಗ 1,318 ಕಿ.ಮೀ. ಉದ್ದ, 2011ರಲ್ಲಿ ಶುರುವಾಯಿತು. ಅದರ ಬಹುಪಾಲು ಸೇತುವೆಯ ಮೇಲೇ ಇದೆ. ಇದು ಸಾಧ್ಯವಾದದ್ದು ಒಂದೇ ಅಳತೆಯ ಗರ್ಡರ್‌ನಿಂದ, ಅಂದರೆ ಕಂಬದಿಂದ ಕಂಬಕ್ಕೆ ಕೂರಿಸುವ ತೊಲೆಯಿಂದ: 32 ಮೀಟರ್ ಉದ್ದದ, ಸುಮಾರು 900 ಟನ್ ತೂಕದ ಪೆಟ್ಟಿಗೆಯಾಕಾರದ ಕಾಂಕ್ರೀಟ್ ಗರ್ಡರ್. ಮಾರ್ಗದ ಪಕ್ಕದಲ್ಲೇ ಎರಕದ ಯಾರ್ಡ್ ಹಾಕುತ್ತಾರೆ. ಸರಳಿನ ಪಂಜರವನ್ನು ಬೇರೆ ಚೌಕಟ್ಟಿನಲ್ಲಿ ಕಟ್ಟಿ ಕ್ರೇನ್‌ನಿಂದ ಇಡಿಯಾಗಿ ಅಚ್ಚಿಗೆ ಇಳಿಸುತ್ತಾರೆ, ಕಾಂಕ್ರೀಟನ್ನು ನಡುವೆ ನಿಲ್ಲಿಸದೆ ಒಂದೇ ಸಲ ತುಂಬುತ್ತಾರೆ, ಸ್ವಲ್ಪ ಬಲ ಬಂದ ಕೂಡಲೇ ಕಾಂಕ್ರೀಟನ್ನು ಬಿಗಿಯುವ ಉಕ್ಕಿನ ಕೇಬಲ್‌ಗಳಲ್ಲಿ ಒಂದಷ್ಟನ್ನು ಎಳೆದು ಅಚ್ಚಿನಿಂದ ತೆಗೆಯುತ್ತಾರೆ. ಉಳಿದ ಕೇಬಲ್‌ಗಳನ್ನು ಪೂರ್ತಿ ಬಲ ಬಂದ ಮೇಲೆ ಎಳೆದು, ಕೇಬಲ್ ಹಾಯುವ ಕೊಳವೆಗಳಿಗೆ ಸಿಮೆಂಟ್ ಗ್ರೌಟ್, ಅಂದರೆ ತೆಳು ಗಾರೆ, ತುಂಬುತ್ತಾರೆ. ಆಮೇಲೆ ಹತ್ತಾರು ಚಕ್ರಗಳ ವಾಹನ ಅದನ್ನು ಹೊತ್ತು, ಆಗಲೇ ಕೂರಿಸಿದ ಗರ್ಡರ್‌ಗಳ ಮೇಲೆಯೇ ಸಾಗಿ ಮುಂದಿನ ಕಂಬಕ್ಕೆ ಒಯ್ಯುತ್ತದೆ. ಇಂಥ ಕೆಲಸದ ವಿಡಿಯೋಗಳಲ್ಲಿ ಕಾಣುವುದು ಈ ಕೊನೆಯ ಗಂಟೆ ಮಾತ್ರ.

ಕಾಣದ ಒಂದು ಹಂತವನ್ನು ಹತ್ತಿರದಿಂದ ನೋಡಬೇಕು. ಗರ್ಡರ್‌ಗೆ ನಾಲ್ಕು ಮೂಲೆಯಲ್ಲಿ ನಾಲ್ಕು ಬೇರಿಂಗ್, ಅಂದರೆ ಅದು ಕಂಬದ ಮೇಲೆ ಕೂರುವ ಆಧಾರಗಳು. ಕಂಬದ ತಲೆಯ ಮಟ್ಟದಲ್ಲಿ ಕೆಲವೇ ಮಿಲಿಮೀಟರ್ ಹೆಚ್ಚುಕಡಿಮೆ ಆದರೂ ಭಾರವೆಲ್ಲ ಮೂರರ ಮೇಲೆ ಬಿದ್ದು ನಾಲ್ಕನೆಯದು ಹಗುರಾಗುತ್ತದೆ. ಗರ್ಡರ್ ತಿರುಚಿಕೊಂಡು ಮೂಲೆಯಲ್ಲಿ ಓರೆ ಬಿರುಕು ಬರುತ್ತದೆ. ಅದಕ್ಕೇ ಅವರು ಗರ್ಡರನ್ನು ನೇರ ಕಂಬದ ಮೇಲೆ ಇಡುವುದಿಲ್ಲ. ಮೊದಲು ನಾಲ್ಕು ಜಾಕ್‌ಗಳ ಮೇಲೆ ಕೂರಿಸಿ, ಪ್ರತಿ ಜಾಕ್ ಎಷ್ಟು ಭಾರ ಹೊತ್ತಿದೆ ಎಂದು ನೋಡಿ, ನಾಲ್ಕೂ ಸರಾಸರಿಯ ಶೇ. 5ರೊಳಗೆ ಬರುವ ತನಕ ಸರಿಪಡಿಸುತ್ತಾರೆ. ಆಮೇಲೆ ಬೇರಿಂಗ್ ತಳಕ್ಕೂ ಕಂಬಕ್ಕೂ ನಡುವಿನ ಎರಡು-ಮೂರು ಸೆಂಟಿಮೀಟರ್ ಸಂದಿಗೆ ಕುಗ್ಗದ ಗ್ರೌಟನ್ನು ನಡುವಿನಿಂದ ಅಂಚಿನ ಕಡೆಗೆ ಹರಿಯುವಂತೆ ಸುರಿಯುತ್ತಾರೆ, ಗಾಳಿ ಅಂಚುಗಳಿಂದ ಹೊರಹೋಗುವಂತೆ. ಎರಡೂ ಕಡೆಯಿಂದ ಸುರಿದರೆ ನಡುವೆ ಗಾಳಿ ಸಿಕ್ಕಿಕೊಂಡು ಟೊಳ್ಳಾಗುತ್ತದೆ. ಗ್ರೌಟ್ ಗಟ್ಟಿಯಾದ ಮೇಲೆಯೇ ಜಾಕ್ ತೆಗೆಯುವುದು. ಸಾವಿರಾರು ಗರ್ಡರ್‌ಗಳಿಗೆ ಇದೇ ಕ್ರಮ, ಒಂದೂ ಬಿಡದೆ. ಅವರ ವೇಗ ಹುಟ್ಟುವುದು ಈ ಪುನರಾವರ್ತನೆಯಿಂದ. ಪ್ರತಿ ಸೇತುವೆಗೂ ಹೊಸ ನಕ್ಷೆ, ಹೊಸ ಅಚ್ಚು ಮಾಡುತ್ತ ಕೂತರೆ ಅಷ್ಟು ಬೇಗ ಯಾರಿಂದಲೂ ಆಗದು.

ನಮ್ಮ ಕರಾವಳಿಗೆ ಇದಕ್ಕಿಂತ ಹತ್ತಿರದ ಪಾಠ ಇರುವುದು ಹಾಂಗ್‌ಕಾಂಗ್–ಝುಹಾಯ್–ಮಕಾವ್ ಸೇತುವೆಯಲ್ಲಿ. 55 ಕಿ.ಮೀ. ಉದ್ದ, 2018ರ ಅಕ್ಟೋಬರ್‌ನಲ್ಲಿ ತೆರೆಯಿತು, ವಿನ್ಯಾಸದ ಆಯುಸ್ಸು 120 ವರ್ಷ. ಆ ಸಮುದ್ರವೂ ನಮ್ಮದರಂತೆ ಬೆಚ್ಚಗಿನ ಉಪ್ಪು ನೀರು, ಮೇಲೆ ಸದಾ ತೇವದ ಗಾಳಿ. 120 ವರ್ಷ ಎಂಬ ಲೆಕ್ಕಕ್ಕೆ ಆಧಾರ, ದಕ್ಷಿಣ ಚೀನಾದ ಝಾನ್‌ಜಿಯಾಂಗ್‌ನಲ್ಲಿ ದಶಕಗಳ ಕಾಲ ಸಮುದ್ರದ ನೀರಿನಲ್ಲಿಟ್ಟು ಅಳೆದ ಕಾಂಕ್ರೀಟ್ ತುಂಡುಗಳು: ಉಪ್ಪಿನ ಕ್ಲೋರೈಡ್ ವರ್ಷಕ್ಕೆ ಎಷ್ಟು ಒಳಗೆ ಇಳಿಯುತ್ತದೆ ಎಂಬ ನಿಜವಾದ ಅಳತೆ.

ಈ ಅಳತೆ ಯಾಕೆ ಬೇಕು ಎಂದರೆ, ಸರಳನ್ನು ಮುಚ್ಚಿರುವ ಕಾಂಕ್ರೀಟಿನ ದಪ್ಪ, ಅಂದರೆ ಸೈಟಿನಲ್ಲಿ ಕವರ್ ಎನ್ನುವುದು, ಅರ್ಧವಾದರೆ ಉಪ್ಪು ಸರಳು ಮುಟ್ಟುವ ಕಾಲ ಸುಮಾರು ನಾಲ್ಕನೇ ಒಂದಕ್ಕೆ ಇಳಿಯುತ್ತದೆ. 75 ಮಿ.ಮೀ. ಇರಬೇಕಾದಲ್ಲಿ 50 ಸಿಕ್ಕಿದರೆ ಆಯುಸ್ಸು ಅರ್ಧಕ್ಕಿಂತ ಕಡಿಮೆ. ನಮ್ಮ ದೇಶದ ಕಾಂಕ್ರೀಟ್ ನಿಯಮಾವಳಿ ಐಎಸ್ 456 ಕೂಡ ಭರತಿ-ಇಳಿತದ ಜಾಗಕ್ಕೆ ಕನಿಷ್ಠ ಎಂ40 ದರ್ಜೆಯ ಕಾಂಕ್ರೀಟ್, ನೀರು-ಸಿಮೆಂಟ್ ಪ್ರಮಾಣ 0.40 ಮೀರದಂತೆ, 75 ಮಿ.ಮೀ. ಕವರ್ ಎಂದೇ ಹೇಳುತ್ತದೆ. ನಿಯಮದಲ್ಲಿ ಕೊರತೆಯಿಲ್ಲ. ಸೈಟಿನಲ್ಲಿ ತಪ್ಪುವುದು ಹೀಗೆ: ಸರಳನ್ನು ಅಚ್ಚಿನಿಂದ ದೂರ ಹಿಡಿಯುವ ಕವರ್ ಬ್ಲಾಕನ್ನು ಉಳಿದ ಗಾರೆಯಲ್ಲಿ ಮಾಡುತ್ತಾರೆ, ಅದು ಸುತ್ತಲಿನ ಕಾಂಕ್ರೀಟಿಗಿಂತ ಪೊಳ್ಳಾಗಿ ಉಪ್ಪಿಗೆ ದಾರಿಯಾಗುತ್ತದೆ, ವೈಬ್ರೇಟರ್ ಹಾಕುವಾಗ ಪಂಜರ ಒಂದು ಬದಿಗೆ ಸರಿಯುತ್ತದೆ, ಸ್ಲ್ಯಾಗ್, ಅಂದರೆ ಉಕ್ಕಿನ ಕಾರ್ಖಾನೆಯ ಕಿಟ್ಟ, ಬೆರೆಸಿದ ಸಿಮೆಂಟಿಗೆ ಎರಡು ವಾರ ಸಿಹಿನೀರಿನ ಕ್ಯೂರಿಂಗ್ ಬೇಕಿದ್ದಲ್ಲಿ ನಾಲ್ಕು ದಿನಕ್ಕೆ ಗೋಣಿ ತೆಗೆಯುತ್ತಾರೆ. ಸ್ಲ್ಯಾಗ್ ಕಾಂಕ್ರೀಟ್ ಉಪ್ಪನ್ನು ತಡೆಯುವುದರಲ್ಲಿ ಬಹಳ ಒಳ್ಳೆಯದು, ಬಳ್ಳಾರಿ ಕಡೆಯಿಂದ ಧಾರಾಳ ಸಿಗುತ್ತದೆ ಕೂಡ. ಆದರೆ ಬಲ ನಿಧಾನ ಬರುತ್ತದೆ. ಆತುರಪಟ್ಟರೆ ಮೇಲ್ಮೈಯೇ ಸಡಿಲ. ಹೊಳೆಯ ಕಂಬದಲ್ಲಿ ಮೊದಲು ಸಾಯುವ ಭಾಗ ನೀರಿನಡಿಯದಲ್ಲ. ಅಲ್ಲಿ ಉಪ್ಪಿದ್ದರೂ ಆಮ್ಲಜನಕ ಕಡಿಮೆ. ಭರತಿಯಲ್ಲಿ ತೊಯ್ದು ಇಳಿತದಲ್ಲಿ ಒಣಗುವ ಆ ಎರಡು-ಮೂರು ಮೀಟರ್ ಪಟ್ಟಿಯೇ ಮೊದಲು ಹೋಗುವುದು.

ಹಾಂಗ್‌ಕಾಂಗ್ ಸೇತುವೆಗೆ ಸೇರಿದ 6.7 ಕಿ.ಮೀ. ಸುರಂಗ ಇನ್ನೊಂದು ವಿಷಯ ಹೇಳುತ್ತದೆ. ಅದು 33 ಕಾಂಕ್ರೀಟ್ ಕೊಳವೆಗಳನ್ನು ಸಮುದ್ರತಳದ ಕಂದಕಕ್ಕೆ ಇಳಿಸಿ ಜೋಡಿಸಿದ್ದು. ದೊಡ್ಡವು ತಲಾ 180 ಮೀಟರ್, 80 ಸಾವಿರ ಟನ್ ಹತ್ತಿರ. 15ನೇ ಕೊಳವೆಯನ್ನು 2014ರ ನವೆಂಬರ್‌ನಲ್ಲಿ ತೇಲಿಸಿ ತಂದಾಗ, ಸಮ ಮಾಡಿಟ್ಟಿದ್ದ ಜಲ್ಲಿ ಹಾಸಿನ ಮೇಲೆ ಹೂಳು ಕೂತಿತ್ತು. ದಪ್ಪ ಕೆಲವೇ ಸೆಂಟಿಮೀಟರ್. ಅಷ್ಟಕ್ಕೇ ವಾಪಸು ಒಯ್ದರು. 2015ರ ಫೆಬ್ರವರಿಯಲ್ಲಿ ಮತ್ತೆ ಹೂಳು, ಮತ್ತೆ ವಾಪಸು. ಕಾರಣ ಹುಡುಕಿದಾಗ ಸಿಕ್ಕಿದ್ದು ನದಿಯ ಮೇಲ್ಭಾಗದಲ್ಲಿ ನಡೆಯುತ್ತಿದ್ದ ಮರಳುಗಾರಿಕೆ. ಸರ್ಕಾರ ಅದನ್ನು ನಿಲ್ಲಿಸಿತು. ಮಾರ್ಚ್‌ನಲ್ಲಿ, ಮೂರನೇ ಪ್ರಯತ್ನಕ್ಕೆ, ಕೊಳವೆ ಕೂತಿತು. ಕಾಳಿ, ಗಂಗಾವಳಿ, ಅಘನಾಶಿನಿ, ಶರಾವತಿಯ ರೇತಿ ದೋಣಿಗಳನ್ನು ನೋಡಿದವರಿಗೆ ಇದು ಅರ್ಥವಾಗಬೇಕು. ನಮ್ಮಲ್ಲಿ ಕೆಡುವ ಬಗೆ ಮಾತ್ರ ಬೇರೆ: ಸೇತುವೆಯ ಹತ್ತಿರ ಹೊಳೆತಳ ಇಳಿದರೆ ಪೈಲ್‌ನ, ಅಂದರೆ ನೆಲದಾಳಕ್ಕೆ ಇಳಿಸಿದ ಅಡಿಪಾಯದ ಕಂಬದ, ಸುತ್ತ ಹಿಡಿದಿದ್ದ ಮಣ್ಣು ಹೋಗುತ್ತದೆ, ಮಳೆಗಾಲದ ನೆರೆ ಉಳಿದದ್ದನ್ನು ಕೊರೆಯುತ್ತದೆ.

ಅದೇ ಯೋಜನೆಯ ಹಾಂಗ್‌ಕಾಂಗ್ ಭಾಗದಲ್ಲಿ ಒಂದು ಕೆಟ್ಟ ಕೆಲಸವೂ ನಡೆಯಿತು. ಬಲ ತಿಳಿಯಲು ಕಾಂಕ್ರೀಟಿನ ಮಾದರಿ ಕ್ಯೂಬ್ ಒಡೆದು ನೋಡುವ ಪ್ರಯೋಗಾಲಯದ ಸಿಬ್ಬಂದಿ ವರದಿಗಳನ್ನು ತಿದ್ದಿದ್ದರು. ಸಮಯಕ್ಕೆ ಮಾಡದ ಪರೀಕ್ಷೆಗೆ ಯಂತ್ರದ ಗಡಿಯಾರ ಹಿಂದೆ ತಿರುಗಿಸುವುದು, ಕ್ಯೂಬಿನ ಬದಲು ಲೋಹದ ತುಂಡು ಇಡುವುದು ಎಂಬ ಆರೋಪದ ಮೇಲೆ 2017ರಲ್ಲಿ ಅಲ್ಲಿನ ಭ್ರಷ್ಟಾಚಾರ ನಿಗ್ರಹ ಆಯೋಗ 21 ಜನರನ್ನು ಬಂಧಿಸಿತು. ಹಿಡಿಯುವ ಸಂಸ್ಥೆ ಇದ್ದದ್ದರಿಂದ ಹೊರಬಂತು.

ಈಗ ಹೊರದೇಶಗಳಿಗೆ ಬರೋಣ. ಪದ್ಮಾ ಸೇತುವೆ 6.15 ಕಿ.ಮೀ., 150 ಮೀಟರಿನ 41 ಅಂಕಣ, ಮೇಲೆ ರಸ್ತೆ, ಕೆಳಗೆ ರೈಲು. 2012ರಲ್ಲಿ ವಿಶ್ವಬ್ಯಾಂಕ್ ಸಾಲ ಹಿಂತೆಗೆದುಕೊಂಡ ಮೇಲೆ ಬಾಂಗ್ಲಾದೇಶ ಸ್ವಂತ ಹಣದಲ್ಲಿ ಕಟ್ಟಿಸಿತು. ಗುತ್ತಿಗೆ ಚೀನಾದ ಮೇಜರ್ ಬ್ರಿಜ್ ಕಂಪನಿಗೆ, ಮೇಲ್ವಿಚಾರಣೆ ಕೊರಿಯಾದ ಸಂಸ್ಥೆಗೆ, ಮೇಲೆ ಪ್ರೊ. ಜಮೀಲುರ್ ರೆಜಾ ಚೌಧುರಿಯವರ ನೇತೃತ್ವದ ತಜ್ಞರ ಸಮಿತಿ. ಮೂರು ಮೀಟರ್ ವ್ಯಾಸದ ಉಕ್ಕಿನ ಪೈಲ್‌ಗಳನ್ನು 120 ಮೀಟರ್ ಆಸುಪಾಸು ಹೊಡೆಯುವಾಗ, 22 ಕಂಬಗಳ ಕೆಳಗೆ ಎಣಿಸಿದ್ದಕ್ಕಿಂತ ಮೆತ್ತಗಿನ ಜೇಡಿ ಪದರ ಸಿಕ್ಕಿತು. ಕೆಲಸ ನಿಲ್ಲಿಸಿದರು, ಲೆಕ್ಕ ಹೊಸದಾಗಿ ಮಾಡಿದರು, ಆ ಕಂಬಗಳಿಗೆ ಆರರ ಬದಲು ಏಳು ಪೈಲ್ ಕೊಟ್ಟರು. ತಡವಾಯಿತು, ಖರ್ಚು ಏರಿತು. 2022ರ ಜೂನ್ 25ಕ್ಕೆ ಉದ್ಘಾಟನೆಯಾಯಿತು. ಈ ಭೂಖಂಡದಲ್ಲಿ ಕಟ್ಟಿಸುವವರು ಹೇಗಿರಬೇಕು ಎನ್ನುವುದಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆ ನನಗೆ ಕಾಣುವುದಿಲ್ಲ.

ಎಕ್ವಡಾರ್‌ನ ಕೋಕಾ ಕೋಡೋ ಸಿಂಕ್ಲೇರ್ ಇದಕ್ಕೆ ತದ್ವಿರುದ್ಧ. 1,500 ಮೆಗಾವಾಟ್, ಚೀನಾದ ಎಕ್ಸಿಮ್ ಬ್ಯಾಂಕಿನ ಸಾಲ, ಸೈನೋಹೈಡ್ರೋ ಗುತ್ತಿಗೆ, 2016ರಲ್ಲಿ ಉದ್ಘಾಟನೆ. ಟರ್ಬೈನಿಗೆ ನೀರು ಹಂಚುವ ಉಕ್ಕಿನ ಕೊಳವೆಗಳ ಬೆಸುಗೆಯಲ್ಲಿ ಏಳು ಸಾವಿರಕ್ಕೂ ಹೆಚ್ಚು ಬಿರುಕು ಪತ್ತೆಯಾದವು. ದಪ್ಪ ಉಕ್ಕಿನ ಬೆಸುಗೆಗೆ ಮೊದಲು ಕಾಯಿಸಬೇಕು, ಒಣಗಿಸಿದ ಎಲೆಕ್ಟ್ರೋಡ್ ಬಳಸಬೇಕು, ಆಮೇಲೆ ಅಲ್ಟ್ರಾಸೌಂಡ್‌ನಿಂದ ಪ್ರತಿ ಸೇರುವೆ ನೋಡಬೇಕು. ಯಾವುದಾದರೂ ಬಿಟ್ಟರೆ ಬಿರುಕು ಒಳಗೇ ಕೂತು ನೀರಿನ ಒತ್ತಡಕ್ಕೆ ಬೆಳೆಯುತ್ತದೆ. ಕಾರ್ಖಾನೆಯಲ್ಲೇ ತಿರಸ್ಕರಿಸಬೇಕಾದ ಮಾಲು ಅದು. ಸಾಲ ಕೊಡುವ ಬ್ಯಾಂಕು, ಕಟ್ಟುವ ಕಂಪನಿ, ಯಂತ್ರ ಕೊಡುವವರು ಎಲ್ಲ ಒಂದೇ ದೇಶದವರಾದಾಗ, ತಿರಸ್ಕರಿಸುವ ಅಧಿಕಾರ ಮತ್ತು ತಿಳಿವಳಿಕೆ ಇರುವ ಎಂಜಿನಿಯರ್ ಮಾಲೀಕನ ಕಡೆ ಇರಲೇಬೇಕು. ಬ್ಯಾಂಕಾಕಿನಲ್ಲಿ 2025ರ ಮಾರ್ಚ್ 28ರ ಭೂಕಂಪಕ್ಕೆ ನೆಲಕಚ್ಚಿದ, ಇನ್ನೂ ಕಟ್ಟುತ್ತಿದ್ದ ಗಗನಚುಂಬಿಯ ಗುತ್ತಿಗೆಯಲ್ಲೂ ಚೀನಾ ಪಾಲುದಾರ ಕಂಪನಿಯಿತ್ತು. ಅಲ್ಲಿನ ಕೆಲವು ಸರಳುಗಳು ಪರೀಕ್ಷೆಯಲ್ಲಿ ಮಾನದಂಡ ಮುಟ್ಟಲಿಲ್ಲ.

ಗುಡ್ಡದ ವಿಷಯದಲ್ಲಿ ಚೀನಾದವರಿಗೂ ನಮಗೂ ಕಷ್ಟ ಒಂದೇ. ಗುವಾಂಗ್‌ಡಾಂಗ್‌ನಲ್ಲಿ 2024ರ ಮೇ 1ರಂದು ಮಳೆಗೆ ಎಕ್ಸ್‌ಪ್ರೆಸ್‌ವೇಯ 17.9 ಮೀಟರ್ ಭಾಗ ಜಾರಿ 52 ಜನ ಸತ್ತರು. ಅದೇ ವರ್ಷ ಜುಲೈ 16ರಂದು ನಮ್ಮ ಶಿರೂರಿನಲ್ಲಿ ಗುಡ್ಡ ಹೆದ್ದಾರಿ 66ರ ಮೇಲೆ, ಗಂಗಾವಳಿಯೊಳಗೆ ಇಳಿಯಿತು. ನಮ್ಮ ಗುಡ್ಡಗಳಲ್ಲಿ ಮೇಲೆ ಚಿರೇಕಲ್ಲು, ಕೆಳಗೆ ಶೇಡಿ ಮಣ್ಣು. ಚಿರೇಕಲ್ಲು ನೀರನ್ನು ಒಳಗೆ ಬಿಡುತ್ತದೆ, ಶೇಡಿ ತಡೆಯುತ್ತದೆ, ತೊಯ್ದರೆ ತಾನೇ ಬಲ ಕಳೆದುಕೊಳ್ಳುತ್ತದೆ. ಬುಡ ಕಡಿದು ನೆಟ್ಟಗೆ ಬಿಟ್ಟರೆ ಜಾರದೆ ಇನ್ನೇನು? ಮೆಟ್ಟಿಲು ಮೆಟ್ಟಿಲಾಗಿ ಕಡಿಯಬೇಕು, ನೆತ್ತಿಯಲ್ಲಿ ನೀರು ತಿರುಗಿಸುವ ಕಾಲುವೆ ಬೇಕು, ಶೇಡಿಯವರೆಗೆ ಹೋಗುವ ತೂತಿನ ಕೊಳವೆಗಳು ಬೇಕು. ಮೇಲೆ ಸಿಮೆಂಟ್ ಬಳಿದು ಕೊಳವೆ ಬಿಟ್ಟರೆ ನೀರು ಒಳಗೇ ಕಟ್ಟಿಕೊಳ್ಳುತ್ತದೆ. ಸಿಚುವಾನ್‌ನ 758 ಮೀಟರಿನ ಹೊಂಗ್‌ಚಿ ಸೇತುವೆ 2025ರ ನವೆಂಬರ್‌ನಲ್ಲಿ, ತೆರೆದ ಕೆಲವೇ ತಿಂಗಳಲ್ಲಿ, ಗುಡ್ಡ ಜಾರಿ ಮುರಿಯಿತು. ಜಾಗದ ಆಯ್ಕೆಯ ಬಗ್ಗೆ ಕೇಳಲೇಬೇಕಾದ ಪ್ರಶ್ನೆಗಳಿವೆ. ಆದರೆ ಹಿಂದಿನ ದಿನ ಇಳಿಜಾರಿನಲ್ಲಿ ಬಿರುಕು ಕಂಡ ಕೂಡಲೇ ಸಂಚಾರ ನಿಲ್ಲಿಸಿದ್ದರು. ಒಬ್ಬರೂ ಸಾಯಲಿಲ್ಲ.

ಹೊನ್ನಾವರದ ಶರಾವತಿಯ ಮೇಲೆ ಎರಡು ಕಿಲೋಮೀಟರಿಗೂ ಉದ್ದದ ಕೊಂಕಣ ರೈಲ್ವೆ ಸೇತುವೆ ತೊಂಬತ್ತರ ದಶಕದಿಂದ ರೈಲು ಹೊರುತ್ತಿದೆ. ಕಟ್ಟುವ ಕೈ ನಮ್ಮಲ್ಲಿಲ್ಲ ಎಂಬ ಮಾತು ಸುಳ್ಳು. ಕೇಳುವ ಅಭ್ಯಾಸ ಬೇಕು, ಕೇಳುವ ದಾರಿಯೂ ಇದೆ. ಹೆದ್ದಾರಿ ಸೇತುವೆಯ ಬಗ್ಗೆ ಹತ್ತು ರೂಪಾಯಿ ಶುಲ್ಕದೊಂದಿಗೆ ಮಾಹಿತಿ ಹಕ್ಕಿನ ಅರ್ಜಿ ಹಾಕುವಾಗ "ಸೇತುವೆ ಸುರಕ್ಷಿತವೇ" ಎಂದು ಬರೆಯಬೇಡಿ. ಹೌದು ಎಂದು ಒಂದು ಸಾಲಿನ ಉತ್ತರ ಬರುತ್ತದೆ. ದಾಖಲೆಯ ಪ್ರತಿ ಕೇಳಿ: ಕಂಬವಾರು ಕವರ್ ಮೀಟರ್ ಅಳತೆ, ಸರಳಿನ ಮಟ್ಟದಲ್ಲಿ ಕ್ಲೋರೈಡ್ ಪ್ರಮಾಣ, ಸರಳಿನ ತುಕ್ಕನ್ನು ವಿದ್ಯುತ್ ವೋಲ್ಟೇಜಿನಿಂದ ಅಂದಾಜಿಸುವ ಹಾಫ್-ಸೆಲ್ ಪರೀಕ್ಷೆಯ ಓದು, ಬೇರಿಂಗ್ ಕೊನೆಯ ಸಲ ನೋಡಿದ ದಿನಾಂಕ, ಮಳೆಗಾಲದ ಮೊದಲು ಮತ್ತು ನಂತರದ ಹೊಳೆತಳದ ಆಳ. ತಾಮ್ರ-ತಾಮ್ರದ ಸಲ್ಫೇಟ್ ಎಲೆಕ್ಟ್ರೋಡಿನಲ್ಲಿ ಓದು ಮೈನಸ್ 350 ಮಿಲಿವೋಲ್ಟ್‌ಗಿಂತ ಕೆಳಗಿದ್ದರೆ ಒಳಗೆ ಸರಳು ತುಕ್ಕು ಹಿಡಿಯುತ್ತಿರುವ ಸಂಭವ ಶೇ. 90ಕ್ಕಿಂತ ಹೆಚ್ಚು. ಅಂಥ ಓದು ಬಂದ ಕಂಬ ಯಾವುದು, ಆಮೇಲೆ ಏನು ಮಾಡಿದರು ಎಂದು ಎರಡನೇ ಅರ್ಜಿ ಹಾಕಿ.